ಪಾಠದ ಬಾಲ ಉದುರಿತು, ಅಣ್ಣನ ಬಾಲ ಬೆಳೆಯಿತು

ದಾವಣಗೆರೆಯ ಒಂದು ಸರ್ಕಲ್ಲಿನಲ್ಲಿ ಮೊನ್ನೆ ಬೆಳಿಗ್ಗೆ ಸಿಗ್ನಲ್ ದೀಪ ಕಾಣಿಸಲಿಲ್ಲ. ಯಾವ ಸರ್ಕಲ್ ಅಂತ ಹೇಳುವುದಿಲ್ಲ. ಜಯದೇವ ಸರ್ಕಲ್ ಅಂದರೆ ಗುಂಡಿ ಸರ್ಕಲ್ಲಿನವರಿಗೆ ಬೇಜಾರು, ಗುಂಡಿ ಸರ್ಕಲ್ ಅಂದರೆ ರಾಮ್ ಅಂಡ್ ಕೋ ಸರ್ಕಲ್ಲಿನವರಿಗೆ ಅವಮಾನ. ದೀಪವನ್ನು ಯಾರೂ ಕದ್ದಿರಲಿಲ್ಲ. ಅದರ ಮುಂದೆ ಅಣ್ಣ ನಿಂತಿದ್ದರು, ಅಷ್ಟೇ. ಇಪ್ಪತ್ತು ಅಡಿ ಎತ್ತರದ ಫ್ಲೆಕ್ಸ್, ಇಸ್ತ್ರಿ ಮಾಡಿದ ಬಿಳಿ ಅಂಗಿ, ಕಪ್ಪು ಕನ್ನಡಕ, ಮುಗಿದ ಕೈ. ಬಡವರ ಬಂಧು, ಯುವಕರ ಕಣ್ಮಣಿ, ನೇರ ನಡೆನುಡಿಯ ಸರದಾರನಿಗೆ ಹುಟ್ಟುಹಬ್ಬದ ಹಾರ್ದಿಕ ಶುಭಾಶಯಗಳು. ಅಣ್ಣನ ಎದೆಯ ಹಿಂದೆ ಎಲ್ಲೋ ಕೆಂಪು ಹಸಿರಾಗುತ್ತಿತ್ತು, ಹಸಿರು ಕೆಂಪಾಗುತ್ತಿತ್ತು. ನಾವು ದೇವರ ಮೇಲೆ ಭಾರ ಹಾಕಿ ದಾಟಿದೆವು.

ಅದೇ ಸಂಜೆ ಅಣ್ಣನ ಹುಟ್ಟುಹಬ್ಬದ ಪ್ರಯುಕ್ತ ಪ್ರತಿಭಾ ಪುರಸ್ಕಾರ. ನನ್ನ ತಂಗಿಯ ಮಗ ಸಿಬಿಎಸ್ಇ ಹತ್ತನೇ ಕ್ಲಾಸಿನಲ್ಲಿ ಒಳ್ಳೇ ಮಾರ್ಕ್ಸ್ ತೆಗೆದಿದ್ದ. ಅವನಿಗೊಂದು ಶಾಲು, ಒಂದು ಫಲಕ. ಫಲಕದಲ್ಲಿ ಅವನ ಹೆಸರಿಗಿಂತ ಅಣ್ಣನ ಫೋಟೋ ದೊಡ್ಡದು. ಮೂರು ಗಂಟೆಯ ಕಾರ್ಯಕ್ರಮದ ಕೊನೆಗೆ ಅಣ್ಣ ಮೈಕ್ ಹಿಡಿದು ಗುಡುಗಿದರು: "ಮಂಗನಿಂದ ಮಾನವ ಅಂತ ನಮಗೆ ಸುಳ್ಳು ಹೇಳ್ಕೊಟ್ರು. ಈಗ ಪುಸ್ತಕದಿಂದ ಕಿತ್ತು ಹಾಕಿದ್ದಾರೆ. ಚಪ್ಪಾಳೆ ಬರಲಿ!"

ಬಂತು. ನಾನು ಮಾತ್ರ ಪ್ಲಾಸ್ಟಿಕ್ ಕುರ್ಚಿಯಲ್ಲಿ ಆ ಕಡೆ ಈ ಕಡೆ ಹೊರಳುತ್ತಿದ್ದೆ. ಮೂರು ಗಂಟೆ ಕೂತರೆ ಬೆನ್ನುಮೂಳೆಯ ತುದಿ ನೋಯುತ್ತದೆ. ಅಲ್ಲಿರುವುದು ಒಂದಕ್ಕೊಂದು ಅಂಟಿಕೊಂಡ ನಾಲ್ಕೈದು ಪುಟ್ಟ ಮೂಳೆ, ಅಂದರೆ ನಮ್ಮ ಪೂರ್ವಜರ ಬಾಲದ ಬುಡ. ಬಾಲ ಹೋಗಿ ಸುಮಾರು 2.5 ಕೋಟಿ ವರ್ಷ ಆಯಿತು. ಬುಡ ಇನ್ನೂ ಇದೆ, ಭಾಷಣ ಕೇಳುವಾಗ ನೆನಪು ಮಾಡುತ್ತದೆ.

ಅಣ್ಣ ಹೇಳಿದ್ದು ಪೂರ್ತಿ ಸುಳ್ಳೇನಲ್ಲ. ಸಿಬಿಎಸ್ಇ ಮಕ್ಕಳು ಓದುವ ಎನ್‌ಸಿಇಆರ್‌ಟಿ ಹತ್ತನೇ ಕ್ಲಾಸಿನ ವಿಜ್ಞಾನ ಪುಸ್ತಕದಲ್ಲಿ 'ಅನುವಂಶೀಯತೆ ಮತ್ತು ಜೀವವಿಕಾಸ' ಅಂತ ಒಂದು ಪಾಠ ಇತ್ತು. ಕೊರೊನಾ ಕಾಲದಲ್ಲಿ ಮಕ್ಕಳ ಹೊರೆ ಇಳಿಸಬೇಕು ಅಂತ ವಿಕಾಸವನ್ನು ಬದಿಗಿಟ್ಟರು. ಕೊರೊನಾ ಹೋಯಿತು, ವಿಕಾಸ ವಾಪಸ್ ಬರಲಿಲ್ಲ. 2023ರ ಹೊಸ ಪುಸ್ತಕದಲ್ಲಿ ಪಾಠದ ಹೆಸರು ಬರೀ 'ಅನುವಂಶೀಯತೆ'. 1,800ಕ್ಕೂ ಹೆಚ್ಚು ವಿಜ್ಞಾನಿಗಳು, ಶಿಕ್ಷಕರು ಸಹಿ ಹಾಕಿ ಬೇಡ ಅಂದರು. ಹನ್ನೆರಡನೇ ಕ್ಲಾಸಿನಲ್ಲಿ ಇದೆಯಲ್ಲ ಅನ್ನುವುದು ಉತ್ತರ. ಅಲ್ಲಿ ಜೀವಶಾಸ್ತ್ರ ತೆಗೆದುಕೊಂಡವರಿಗೆ ಇದೆ. ಕಾಮರ್ಸ್‌ಗೆ ಹೋದವನು ನೇರವಾಗಿ ಆಕಾಶದಿಂದ ಇಳಿದವನು ಅಂದುಕೊಳ್ಳಬೇಕು.

ಅದಕ್ಕೂ ಮೊದಲೇ, 2018ರ ಜನವರಿಯಲ್ಲಿ, ಆಗಿನ ಕೇಂದ್ರ ರಾಜ್ಯ ಸಚಿವ ಸತ್ಯಪಾಲ್ ಸಿಂಗ್ ಅವರು ಡಾರ್ವಿನ್ ಹೇಳಿದ್ದು ತಪ್ಪು, ಮಂಗ ಮನುಷ್ಯನಾಗಿದ್ದನ್ನು ಕಂಡವರು ಯಾರೂ ಇಲ್ಲ ಅಂದಿದ್ದರು. ಅವರು ಹಿಂದೆ ಮುಂಬೈ ಪೊಲೀಸ್ ಕಮಿಷನರ್. ಕಣ್ಣಾರೆ ಕಂಡ ಸಾಕ್ಷಿ ಕೇಳುವುದು ವೃತ್ತಿಯ ಅಭ್ಯಾಸ, ತಪ್ಪು ತಿಳಿಯಬಾರದು. ಆದರೆ ಡಾರ್ವಿನ್ ಎಫ್‌ಐಆರ್‌ನಲ್ಲಿ ಹಾಗೆ ಬರೆದೇ ಇಲ್ಲ. ಮಂಗ ನಮ್ಮ ಅಜ್ಜ ಅಲ್ಲ, ದಾಯಾದಿ. ಚಿಂಪಾಂಜಿ ಮತ್ತು ನಾವು ಒಂದೇ ಮನೆಯವರು. ಸುಮಾರು 60-70 ಲಕ್ಷ ವರ್ಷದ ಹಿಂದೆ ಪಾಲಾಗಿ ಬೇರೆ ಒಲೆ ಹೂಡಿದೆವು. ದಾಯಾದಿ ಇದ್ದಾನೆ ಅಂತ ಒಪ್ಪಿಕೊಳ್ಳುವುದು ನಮ್ಮ ಕಡೆ ಯಾರಿಗೆ ತಾನೇ ಇಷ್ಟ? ಆಸ್ತಿಯಲ್ಲಿ ಪಾಲು ಕೇಳಿಯಾನು ಅಂತ ಭಯ.

ದಾರಿಯಲ್ಲಿ ಅಳಿಯನಿಗೆ ಇದನ್ನೆಲ್ಲ ಹೇಳಿದೆ. "ಮಾವ, ನಮ್ ಸಿಲಬಸ್ಸಲ್ಲಿ ಇಲ್ಲ ಬಿಡಿ" ಅಂದ. ಅಷ್ಟರಲ್ಲಿ ಅದೇ ಸರ್ಕಲ್ ಬಂತು. ಕತ್ತೆತ್ತಿ ನೋಡಿದೆ. ತೆಗೆದುಹಾಕಿದ ಪಾಠ ಪೂರ್ತಿ ಅಲ್ಲೇ ಇತ್ತು, ಬಣ್ಣದಲ್ಲಿ, ಲೈಟ್ ಸಮೇತ.

ಮೊದಲು ನೈಸರ್ಗಿಕ ಆಯ್ಕೆ. 2016ರ ಮಾರ್ಚ್‌ನಲ್ಲಿ ರಾಜ್ಯ ಸರ್ಕಾರ ಪ್ಲಾಸ್ಟಿಕ್ ನಿಷೇಧಿಸಿದಾಗ ಫ್ಲೆಕ್ಸ್, ಬ್ಯಾನರ್ ಕೂಡ ಆ ಪಟ್ಟಿಯಲ್ಲಿದ್ದವು. ಸತ್ತವೇ? ಕೈಗೆ ಎಟುಕುವ ಹಾಗೆ ಕಟ್ಟಿದವು ಸತ್ತವು. ಎತ್ತರಕ್ಕೆ ಕಟ್ಟಿದವು ಉಳಿದವು. ಉಳಿದವನ್ನು ನೋಡಿ ಮುಂದಿನ ವರ್ಷದವರು ಇನ್ನೂ ಎತ್ತರಕ್ಕೆ ಕಟ್ಟಿದರು. ಹಗಲು ಕಟ್ಟಿದವು ಹೋದವು, ರಾತ್ರಿ ಹನ್ನೆರಡರ ಮೇಲೆ ಕಟ್ಟಿದವು ಬದುಕಿದವು. ಫ್ಲೆಕ್ಸಿಗೆ ಬುದ್ಧಿ ಇಲ್ಲ, ಯೋಜನೆ ಇಲ್ಲ. ಕೀಳುವವರು ಕೀಳುತ್ತಾ ಹೋದರು, ತಪ್ಪಿಸಿಕೊಂಡವು ಮಾದರಿಯಾಗುತ್ತಾ ಹೋದವು. ಆಂಟಿಬಯಾಟಿಕ್ ಮಾತ್ರೆಗೆ ಬ್ಯಾಕ್ಟೀರಿಯಾ ಗಟ್ಟಿಯಾಗುವುದು ಹೀಗೇ.

ಮೂಲೆಯಲ್ಲಿ ದೊಡ್ಡ ನಾಯಕರ ಫೋಟೋ ಯಾಕೆ ಅಂತ ಫ್ಲೆಕ್ಸ್ ಅಂಗಡಿಯ ಹುಡುಗನನ್ನು ಒಮ್ಮೆ ಕೇಳಿದ್ದೆ. "ಸರ್, ದೊಡ್ಡೋರು ಇಲ್ಲಂದ್ರೆ ಎರಡು ದಿನಾನೂ ಬಾಳಲ್ರೀ. ಇದ್ರೆ ಹದಿನೈದು ದಿನ ಯಾರೂ ಮುಟ್ಟಲ್ಲ" ಅಂದ. ಆ ನಾಯಕರಿಗೆ ಇವರ ಪರಿಚಯ ಇದೆಯಾ ಅಂದೆ. ನಕ್ಕ. ಇದನ್ನೇ 1862ರಲ್ಲಿ ಹೆನ್ರಿ ಬೇಟ್ಸ್ ಅಮೆಜಾನ್ ಕಾಡಿನ ಚಿಟ್ಟೆಗಳನ್ನು ನೋಡಿ ಬರೆದ. ಹಕ್ಕಿ ಬಾಯಿಗೆ ಕಹಿಯಾಗುವ ಚಿಟ್ಟೆಯ ವೇಷ ಹಾಕಿಕೊಂಡು ಕಹಿಯಲ್ಲದ ಚಿಟ್ಟೆ ಬದುಕುತ್ತದೆ. ನಮ್ಮ ಕಡೆ ತೋಳಹಾವಿಗೆ ವಿಷ ಇಲ್ಲ, ಆದರೆ ಮೈಮೇಲೆ ಕಟ್ಟುಹಾವಿನ ಪಟ್ಟೆ. ಕಂಡವರು ಹತ್ತು ಹೆಜ್ಜೆ ಹಿಂದೆ.

ಇನ್ನು ಗಾತ್ರ. 1860ರಲ್ಲಿ ಡಾರ್ವಿನ್ ಅಮೆರಿಕದ ಸ್ನೇಹಿತ ಏಸಾ ಗ್ರೇಗೆ ಬರೆದ ಪತ್ರದಲ್ಲಿ, ನವಿಲಿನ ಗರಿ ಕಂಡರೆ ಸಾಕು, ನನಗೆ ಹೊಟ್ಟೆ ತೊಳೆಸುತ್ತದೆ ಅಂದಿದ್ದ. ಹಾರಲು ಅಡ್ಡ, ಹುಲಿಗೆ ಸುಲಭ, ಇಂಥ ಬಾಲ ಯಾಕೆ ಉಳಿಯಿತು? 1871ರ ಹೊತ್ತಿಗೆ ಉತ್ತರ ಸಿಕ್ಕಿತ್ತು: ಹೆಣ್ಣುನವಿಲು ಅದನ್ನು ಮೆಚ್ಚಿ ಆರಿಸುತ್ತದೆ. 1975ರಲ್ಲಿ ಇಸ್ರೇಲಿನ ಅಮೋಟ್ಸ್ ಜಹಾವಿ ಇನ್ನೊಂದು ಮಾತು ಸೇರಿಸಿದ. ಬಾಲ ದಂಡ ಅನ್ನುವುದೇ ಅದರ ಬೆಲೆ. ಇಷ್ಟು ಹೊರೆ ಹೊತ್ತೂ ಬದುಕಿದ್ದೇನೆ ನೋಡು ಅಂತ ಗಂಡು ತೋರಿಸುತ್ತದೆ. ಇಷ್ಟು ದುಡ್ಡು ಹಾಳುಮಾಡಿಯೂ ನಿಂತಿದ್ದೇನೆ ನೋಡು ಅಂತ ಅಣ್ಣ. ಒಂದೇ ವ್ಯತ್ಯಾಸ, ನವಿಲು ತನ್ನ ಬಾಲ ತಾನೇ ಹೊರುತ್ತದೆ. ಅಣ್ಣನ ಬಾಲವನ್ನು ನಮ್ಮ ಬೀದಿಯ ಕರೆಂಟ್ ಕಂಬ ಹೊತ್ತಿದೆ.

ನವಿಲು ಮಳೆಗಾಲ ಮುಗಿಯುವಾಗ ಗರಿ ಉದುರಿಸುತ್ತದೆ. ಫ್ಲೆಕ್ಸೂ ಆಷಾಢದ ಗಾಳಿಗೆ ಹರಿದು ಬೀಳುತ್ತದೆ. ಆಮೇಲೆ ಅದರ ಎರಡನೇ ಜನ್ಮ. ಹಳ್ಳಿ ಕಡೆ ಮೆಕ್ಕೆಜೋಳದ ರಾಶಿಯ ಮೇಲೆ ಅಣ್ಣ ಅಂಗಾತ ಮಲಗಿ, ಕೈ ಮುಗಿದುಕೊಂಡೇ, ಮಳೆ ತಡೆಯುತ್ತಾರೆ. ಅವರ ಸಮಾಜ ಸೇವೆಯನ್ನು ನಾನು ಕಣ್ಣಾರೆ ಕಂಡಿದ್ದು ಅಲ್ಲಿ ಮಾತ್ರ.

ಸರ್ಕಲ್ಲಿನ ಮೂಲೆಯಲ್ಲಿ ಡಿಜೆ ಬೇರೆ. ಎದೆಯೊಳಗೆ ಯಾರೋ ಒನಕೆ ಕುಟ್ಟಿದ ಹಾಗೆ. ತಾಂಜಾನಿಯಾದ ಗೊಂಬೆ ಅನ್ನುವ ಹೆಸರಿನ ಕಾಡಿನಲ್ಲಿ ವಿಜ್ಞಾನಿ ಜೇನ್ ಗುಡಾಲ್ ನೋಡುತ್ತಿದ್ದ ಚಿಂಪಾಂಜಿಗಳಲ್ಲಿ ಮೈಕ್ ಅಂತ ಒಬ್ಬನಿದ್ದ. ಗುಂಪಿನಲ್ಲಿ ಅವನಿಗೆ ಕಾಸಿನ ಬೆಲೆ ಇರಲಿಲ್ಲ. 1964ರಲ್ಲಿ ಅವನಿಗೆ ಕ್ಯಾಂಪಿನ ಖಾಲಿ ಸೀಮೆಎಣ್ಣೆ ಡಬ್ಬಿ ಸಿಕ್ಕವು. ಅವನ್ನು ಬಡಿಯುತ್ತಾ, ಉರುಳಿಸುತ್ತಾ ಗುಂಪಿನ ಮೇಲೆ ನುಗ್ಗಿದ. ಹಿರಿಯರೆಲ್ಲ ದಿಕ್ಕಾಪಾಲು. ಸ್ವಲ್ಪ ಹೊತ್ತಿಗೆ ಒಬ್ಬೊಬ್ಬರೇ ಬಂದು ಅವನ ಮೈಯ ಕೂದಲು ಹೆಕ್ಕತೊಡಗಿದರು. ದೊಡ್ಡ ಹೊಡೆದಾಟವಿಲ್ಲದೆ, ಬರೀ ಸದ್ದಿನಿಂದ, ಮೈಕ್ ನಾಯಕನಾದ. ಕೊನೆಗೆ ಗುಡಾಲ್ ಡಬ್ಬಿಗಳನ್ನು ಬಚ್ಚಿಡಬೇಕಾಯಿತು. ಅವನ ಹೆಸರು ಮೈಕ್ ಅನ್ನುವುದು ನನ್ನ ಕಟ್ಟುಕತೆ ಅಲ್ಲ, ಬೇಕಾದರೆ ನೋಡಿಕೊಳ್ಳಿ. ನಮ್ಮ ಊರಿನಲ್ಲಿ ಡಬ್ಬಿ ಬಚ್ಚಿಡುವವರು ಇಲ್ಲ, ಬಾಡಿಗೆಗೆ ಕೊಡುವವರು ಇದ್ದಾರೆ.

ಕೂದಲು ಹೆಕ್ಕುವುದು ಅಂದೆನಲ್ಲ, ಫ್ಲೆಕ್ಸಿನ ಕೆಳಭಾಗ ಅದಕ್ಕೇ ಮೀಸಲು. 'ಶುಭ ಕೋರುವವರು' ಅಂತ ಬರೆದು ಅಂಚೆಚೀಟಿಯಂಥ ಮುಖಗಳ ಸಾಲು. ಚಿಂಪಾಂಜಿ ಹೇನು ಹೆಕ್ಕುವುದು ಹೇನಿಗಾಗಿ ಮಾತ್ರ ಅಲ್ಲ, ನಾಳೆ ಜಗಳ ಬಂದರೆ ನನ್ನ ಕಡೆ ಇರು ಅನ್ನುವ ಮುಂಗಡ. ಒಬ್ಬ ಮನುಷ್ಯ ನಿಜವಾಗಿ ನಿಭಾಯಿಸಬಲ್ಲ ಪರಿಚಯ ಸುಮಾರು 150 ಅಂತ ವಿಜ್ಞಾನಿ ರಾಬಿನ್ ಡನ್ಬಾರ್ ಲೆಕ್ಕ ಹಾಕಿದ್ದಾರೆ. ಅಣ್ಣನ ಫ್ಲೆಕ್ಸಿನಲ್ಲಿ ನಾನು ಎಣಿಸಿದ್ದು 83 ಮುಖ. ಪರವಾಗಿಲ್ಲ, ಇನ್ನೂ ಜಾಗ ಇದೆ.

ಆ 83 ಮುಖಗಳ ಸಾಲಿನಲ್ಲೂ ಜಗಳ ಇದೆಯಂತೆ. ಒಬ್ಬನ ಫೋಟೋ ಚಿಕ್ಕದಾಯಿತು ಅಂತ ಆತ ರಾತ್ರೋರಾತ್ರಿ ಬೇರೆ ಬಳಗ ಕಟ್ಟಿದ. 2003ರಲ್ಲಿ ಸಾರಾ ಬ್ರಾಸ್ನನ್ ಮತ್ತು ಫ್ರಾನ್ಸ್ ಡಿ ವಾಲ್ ಕಪುಚಿನ್ ಕೋತಿಗಳಿಗೆ ಒಂದು ಕೆಲಸ ಕೊಟ್ಟು ಕೂಲಿಯಾಗಿ ಸೌತೆಕಾಯಿ ಚೂರು ಕೊಟ್ಟರು. ಖುಷಿಯಾಗಿ ತಿಂದವು. ಪಕ್ಕದ ಕೋತಿಗೆ ಅದೇ ಕೆಲಸಕ್ಕೆ ದ್ರಾಕ್ಷಿ ಕೊಟ್ಟಿದ್ದು ಕಂಡಿತೋ, ಸೌತೆಕಾಯಿ ಬೇಡ ಅಂದವು. ಕೆಲವು ಎಸೆದವು. ನಾನು ಇದನ್ನು ಹೇಳಿ ಹೇಳಿ ಮನೆಯವರೆಲ್ಲ ನಕ್ಕಿದ್ದೇವೆ.

ಮರುವಾರ ಫ್ಲೆಕ್ಸ್ ಅಂಗಡಿಯ ಹುಡುಗನ ಫೋನ್. "ಸರ್, ಕೆಳಗ ಒಂದು ಬಾಕ್ಸ್ ಖಾಲಿ ಐತ್ರಿ. ಹಿರಿಯರೊಬ್ಬರು ಇದ್ರೆ ತೂಕ ಬರತೈತಿ. ಫ್ರೀ ರೀ." ಛೇ ಛೇ ಅಂದೆ. ಐದು ನಿಮಿಷ ಬಿಟ್ಟು, ಹತ್ತು ವರ್ಷ ಹಿಂದಿನ, ಕೂದಲು ಜಾಸ್ತಿ ಇರುವ ಫೋಟೋ ಕಳಿಸಿದೆ.

ಮಾರನೇ ದಿನ ಮಂಡಕ್ಕಿ ತರುವ ನೆಪದಲ್ಲಿ ಸರ್ಕಲ್ ಕಡೆ ಹೋದೆ. ಸ್ಕೂಟರ್ ಮೂರು ಸುತ್ತು ಹಾಕಿತು. ಹಿಂದೆ ಕೂತ ಅಳಿಯ, "ಮಾವ, ಸಿಕ್ತು ನೋಡಿ, ಎಡಗಡೆಯಿಂದ ಹತ್ತನೇದು" ಅಂದ. ಹೌದು, ನಾನೇ. ಚೆನ್ನಾಗಿಯೇ ಬಂದಿತ್ತು. ಆಮೇಲೆ ಹನ್ನೊಂದನೆಯವನನ್ನು ನೋಡಿದೆ. ನಮ್ಮ ಬೀದಿಯವನೇ, ನನಗಿಂತ ಇಪ್ಪತ್ತು ವರ್ಷ ಚಿಕ್ಕವನು. ಅವನ ಫೋಟೋ ನನ್ನದಕ್ಕಿಂತ ಒಂದೂವರೆ ಪಟ್ಟು ದೊಡ್ಡದು.

ಸ್ಕೂಟರ್ ನಿಲ್ಲಿಸಿ ಅಂಗಡಿಯ ಹುಡುಗನಿಗೆ ಫೋನ್ ಹಚ್ಚಿದೆ. ಅಳಿಯ ಹಿಂದಿನಿಂದ ಮೆಲ್ಲಗೆ ಕೇಳಿದ: "ಮಾವ, ಸೌತೆಕಾಯಾ, ದ್ರಾಕ್ಷಿಯಾ?"