ಆಳುವವರ ಮನೆಮಾತಿಗೆ ಶಾಲೆಯಲ್ಲಿ ಜಾಗವಿಲ್ಲ

ಕನ್ನಡದ ಸ್ಥಿತಿಗತಿಯ ಬಗ್ಗೆ ಚರ್ಚೆ ನಡೆದಾಗಲೆಲ್ಲ ಒಂದು ಮಾತು ತಪ್ಪದೆ ಕೇಳಿಬರುತ್ತದೆ: ನಮಗೆ ಜನಬಲವಿಲ್ಲ, ದಿಲ್ಲಿಯ ಅಧಿಕಾರದಲ್ಲಿ ಹಿಡಿತವಿಲ್ಲ, ಆದ್ದರಿಂದಲೇ ನಮ್ಮ ಭಾಷೆಗೆ ಈ ಗತಿ. ಅಧಿಕಾರ ಕೈಗೆ ಬಂದರೆ ಭಾಷೆ ತಾನಾಗಿಯೇ ಉಳಿಯುತ್ತದೆ ಎಂಬ ನಂಬಿಕೆ ಈ ಮಾತಿನ ಬೆನ್ನಿಗಿದೆ. ಈ ನಂಬಿಕೆ ಎಷ್ಟು ಟೊಳ್ಳು ಎಂಬುದನ್ನು ಅರಿಯಬೇಕಾದರೆ ಪಂಜಾಬಿಯ ಕಡೆಗೆ, ಅದರಲ್ಲೂ ಪಾಕಿಸ್ತಾನದ ಪಂಜಾಬಿಯ ಕಡೆಗೆ ನೋಡಬೇಕು.

ಜಗತ್ತಿನಲ್ಲಿ ಪಂಜಾಬಿ ಆಡುವವರಲ್ಲಿ ಹೆಚ್ಚಿನವರು ಇರುವುದು ಭಾರತದಲ್ಲಲ್ಲ. ನಮ್ಮ 2011ರ ಜನಗಣತಿಯಲ್ಲಿ ಪಂಜಾಬಿಯನ್ನು ಮಾತೃಭಾಷೆ ಎಂದು ಬರೆಸಿದವರು ಸುಮಾರು 3.3 ಕೋಟಿ; ಪಾಕಿಸ್ತಾನದ 2023ರ ಗಣತಿಯಲ್ಲಿ ಅವರು 8.8 ಕೋಟಿಯನ್ನು ಮೀರುತ್ತಾರೆ. ಆ ದೇಶದ ಅತಿ ದೊಡ್ಡ ಭಾಷೆ ಅದು. ಸೈನ್ಯದಲ್ಲಿ, ಆಡಳಿತ ಸೇವೆಯಲ್ಲಿ, ರಾಜಕೀಯದಲ್ಲಿ ಪಂಜಾಬಿಗಳದ್ದೇ ಮೇಲುಗೈ ಎಂಬುದು ಸಿಂಧಿಗಳು ಮತ್ತು ಬಲೂಚರು ದಶಕಗಳಿಂದ ಹೇಳುತ್ತಿರುವ ದೂರು. ಇಷ್ಟೆಲ್ಲ ಇದ್ದೂ ಅಲ್ಲಿನ ಪಂಜಾಬ್ ಪ್ರಾಂತ್ಯದ ರಾಜಧಾನಿ ಲಾಹೋರಿನ ಮಗು ಒಂದನೆಯ ತರಗತಿಗೆ ಕಾಲಿಟ್ಟಾಗ ಅದರ ಕೈಗೆ ಬರುವುದು ಉರ್ದು ಮತ್ತು ಇಂಗ್ಲಿಷ್ ಪುಸ್ತಕಗಳು. ವಿಶ್ವವಿದ್ಯಾಲಯದಲ್ಲಿ ಪಂಜಾಬಿ ಎಂ.ಎ. ಇದೆ, ಪ್ರಾಥಮಿಕ ಶಾಲೆಯಲ್ಲಿ ಅಕ್ಷರಾಭ್ಯಾಸವಿಲ್ಲ. ತಳಪಾಯ ಹಾಕದೆ ಮೂರನೆಯ ಮಹಡಿ ಕಟ್ಟಿದಂತಾಗಿದೆ.

ಇದನ್ನು ಕೇಂದ್ರ ಸರ್ಕಾರದ ದಬ್ಬಾಳಿಕೆ ಎಂದು ಹೇಳಿ ಮುಗಿಸುವಂತಿಲ್ಲ. ಅಲ್ಲಿನ 1973ರ ಸಂವಿಧಾನದ 251ನೆಯ ವಿಧಿ ಉರ್ದುವನ್ನು ರಾಷ್ಟ್ರಭಾಷೆ ಎಂದು ಘೋಷಿಸುತ್ತದೆ ನಿಜ, ಆದರೆ ಅದೇ ವಿಧಿಯು ಪ್ರಾಂತೀಯ ಭಾಷೆಯ ಬೋಧನೆ ಮತ್ತು ಬಳಕೆಗಾಗಿ ಕಾನೂನು ಮಾಡುವ ಅಧಿಕಾರವನ್ನು ಪ್ರಾಂತ್ಯಗಳ ಶಾಸನಸಭೆಗಳಿಗೆ ಕೊಟ್ಟಿದೆ. ಸಿಂಧ್ ಪ್ರಾಂತ್ಯವಂತೂ ಅದಕ್ಕೂ ಮೊದಲೇ, 1972ರಲ್ಲಿ, ಕರಾಚಿಯಲ್ಲಿ ಗಲಭೆಯಾದರೂ ಜಗ್ಗದೆ ಸಿಂಧಿ ಭಾಷೆಗಾಗಿ ಕಾನೂನು ತಂದಿತು. ಅಧಿಕಾರವೂ ಬಹುಮತವೂ ಎಲ್ಲರಿಗಿಂತ ಹೆಚ್ಚಾಗಿದ್ದ ಪಂಜಾಬ್ ಮಾತ್ರ ಕೈಕಟ್ಟಿ ಕುಳಿತಿತು. ಅಷ್ಟೇ ಅಲ್ಲ, ಲಾಹೋರಿನ ಶಾಸನಸಭೆಯಲ್ಲಿ ಪಂಜಾಬಿಯಲ್ಲಿ ಮಾತನಾಡಬೇಕೆಂದರೆ ಸದಸ್ಯರು ಸಭಾಧ್ಯಕ್ಷರ ಅನುಮತಿ ಕೇಳಬೇಕಿತ್ತು. 2016ರಲ್ಲಿ ಸಾಹೀವಾಲ್ ನಗರದ ಒಂದು ಖಾಸಗಿ ಶಾಲೆ, ಮಕ್ಕಳು ಆಡಬಾರದ ಹೊಲಸು ಮಾತುಗಳನ್ನು ವಿವರಿಸುವಾಗ ಬೈಗುಳದ ಜೊತೆಗೆ ಪಂಜಾಬಿಯನ್ನೂ ಸೇರಿಸಿ ಸುತ್ತೋಲೆ ಹೊರಡಿಸಿತು. ಪ್ರತಿಭಟನೆ ನಡೆಯಿತು, ಸುದ್ದಿಯಾಯಿತು. ಆದರೆ ಆ ಸುತ್ತೋಲೆಯನ್ನು ಬರೆದವರು ಹೊರಗಿನಿಂದ ಬಂದ ಶತ್ರುಗಳಲ್ಲ. ಮಕ್ಕಳ ಬಾಯಿಂದ ಪಂಜಾಬಿ ಹೊರಟರೆ ಹಳ್ಳಿಗಮಾರರೆಂಬ ಹೆಸರು ಬಂದೀತೆಂದು ಅಂಜುವ ಪಂಜಾಬಿ ತಂದೆತಾಯಿಗಳೇ ಅಂಥ ಶಾಲೆಗಳಿಗೆ ಶುಲ್ಕ ಕಟ್ಟುತ್ತಾರೆ.

ಈ ಸಂಕೋಚದ ಬೇರು ಹಳೆಯದು. 1849ರಲ್ಲಿ ಸಿಖ್ ರಾಜ್ಯವನ್ನು ವಶಪಡಿಸಿಕೊಂಡ ಬ್ರಿಟಿಷರು ಪಂಜಾಬಿನ ಕಚೇರಿ ಮತ್ತು ನ್ಯಾಯಾಲಯಗಳಿಗೆ ಅಲ್ಲಿನ ಜನಭಾಷೆಯನ್ನು ಬಿಟ್ಟು ಉರ್ದುವನ್ನು ತಂದು ಕೂರಿಸಿದರು. ಅಲ್ಲಿಂದ ಮುಂದೆ ಓದಿದವನ ಭಾಷೆ ಬೇರೆ, ಉಳುವವನ ಭಾಷೆ ಬೇರೆ ಎಂದಾಯಿತು. ಇಕ್ಬಾಲ್ ಮತ್ತು ಫೈಜ್ ಇಬ್ಬರೂ ಸಿಯಾಲ್‌ಕೋಟ್ ಕಡೆಯವರು. ಉರ್ದು ಕಾವ್ಯವನ್ನು ಇಪ್ಪತ್ತನೆಯ ಶತಮಾನದಲ್ಲಿ ಎತ್ತರಕ್ಕೆ ಒಯ್ದವರಲ್ಲಿ ಇವರೇ ಪ್ರಮುಖರು. ಇದರಲ್ಲಿ ತಪ್ಪು ಹುಡುಕುತ್ತಿಲ್ಲ, ಕವಿ ತನಗೆ ಒಲಿದ ಭಾಷೆಯಲ್ಲಿ ಬರೆಯುತ್ತಾನೆ. ಆದರೆ ಒಂದು ನಾಡಿನ ಓದಿದ ವರ್ಗ ತನ್ನ ಗಂಭೀರ ಚಿಂತನೆಯನ್ನೆಲ್ಲ ಎರಡು ಮೂರು ತಲೆಮಾರು ಇನ್ನೊಂದು ಭಾಷೆಯಲ್ಲಿ ನಡೆಸಿದಾಗ ಮನೆಮಾತಿಗೆ ಉಳಿಯುವುದು ನಗೆಹನಿ, ಬೈಗುಳ ಮತ್ತು ಹಾಡು ಮಾತ್ರ.

1947ರ ನಂತರ ಇದಕ್ಕೆ ರಾಜಕೀಯದ ಲೆಕ್ಕಾಚಾರವೂ ಸೇರಿತೆಂದು ನನಗೆ ಅನಿಸುತ್ತದೆ. ಪೂರ್ವ ಪಾಕಿಸ್ತಾನದ ಬಂಗಾಳಿಗಳು ತಮ್ಮ ಭಾಷೆಗೆ ಮಾನ್ಯತೆ ಕೇಳಿದಾಗ, ದೇಶಕ್ಕೆ ಉರ್ದು ಒಂದೇ ಸಾಕು ಎಂದು ಪಟ್ಟುಹಿಡಿದವರಲ್ಲಿ ಪಂಜಾಬಿನ ನಾಯಕರೂ ಅಧಿಕಾರಿಗಳೂ ಮುಂಚೂಣಿಯಲ್ಲಿದ್ದರು. 1952ರ ಫೆಬ್ರವರಿ 21ರಂದು ಢಾಕಾದಲ್ಲಿ ಗುಂಡು ಹಾರಿತು, ವಿದ್ಯಾರ್ಥಿಗಳು ಸತ್ತರು. ಬಂಗಾಳಿಗೆ ಇಲ್ಲವೆಂದವರು ತಮ್ಮ ಪಂಜಾಬಿಗೆ ಬೇಕೆಂದು ಯಾವ ಬಾಯಲ್ಲಿ ಕೇಳಬೇಕಿತ್ತು? ಇಡೀ ದೇಶವನ್ನು ಆಳುವ ಹಕ್ಕಿಗೆ ಪ್ರತಿಯಾಗಿ ಅವರು ತಮ್ಮ ಮನೆಮಾತನ್ನೇ ಬಿಟ್ಟುಕೊಟ್ಟರು. ವಿಚಿತ್ರವೆಂದರೆ ಅದೇ ಫೆಬ್ರವರಿ 21 ಈಗ ಅಂತರರಾಷ್ಟ್ರೀಯ ಮಾತೃಭಾಷಾ ದಿನ, ಮತ್ತು ಅಂದು ಪಂಜಾಬಿಗಾಗಿ ಲಾಹೋರಿನ ಬೀದಿಗಳಲ್ಲಿ ಮೆರವಣಿಗೆ ನಡೆಯುತ್ತದೆ.

ಇದರ ಪರಿಣಾಮ ಗಣತಿಯಲ್ಲಿ ಕಾಣುತ್ತದೆ. ಪಾಕಿಸ್ತಾನದಲ್ಲಿ ಪಂಜಾಬಿ ಬರೆಸಿದವರ ಪ್ರಮಾಣ 1981ರಲ್ಲಿ ಶೇ. 48, 1998ರಲ್ಲಿ ಶೇ. 44, 2017ರಲ್ಲಿ ಶೇ. 39ರ ಆಸುಪಾಸು, 2023ರಲ್ಲಿ ಶೇ. 37. ಪಂಜಾಬಿಗೆ ಹತ್ತಿರದ, ದಕ್ಷಿಣ ಪಂಜಾಬಿನ ಸರಾಯ್ಕಿಯನ್ನು ಪ್ರತ್ಯೇಕವಾಗಿ ಎಣಿಸಿದ್ದರಿಂದ ಸಂಖ್ಯೆ ಇಳಿಯಿತು ಎಂದು ಕೆಲವರು ಹೇಳಬಹುದು. ಆದರೆ ಆ ಎಣಿಕೆ 1981ರಲ್ಲೇ ಶುರುವಾಗಿತ್ತು, ಇಳಿತ ಆಮೇಲೂ ನಿಂತಿಲ್ಲ. ಬೇರೆ ಪ್ರಾಂತ್ಯಗಳ ಜನಸಂಖ್ಯೆ ವೇಗವಾಗಿ ಬೆಳೆದದ್ದೂ ಒಂದು ಕಾರಣವಿರಬಹುದು. ಆದರೂ ಪಟ್ಟಣದ ಮನೆಗಳಲ್ಲಿ ಹಿರಿಯರು ತಮ್ಮತಮ್ಮಲ್ಲಿ ಪಂಜಾಬಿ ಆಡಿ ಮಕ್ಕಳತ್ತ ತಿರುಗಿದಾಗ ಉರ್ದುವಿಗೆ ಹೊರಳುವುದನ್ನು ಅಲ್ಲಿನ ಲೇಖಕರೇ ಮತ್ತೆಮತ್ತೆ ಬರೆದಿದ್ದಾರೆ.

ಗಡಿಯ ಈಚೆ ಕಥೆ ಬೇರೆ, ಆದರೆ ಹೆಮ್ಮೆಪಡುವಂಥದ್ದಲ್ಲ. ಬೀದರಿನ ನಾನಕ ಝೀರಾ ಗುರುದ್ವಾರದಲ್ಲಿ, ಭಾರತದಲ್ಲಿ ಪಂಜಾಬಿ ಬರೆಯುವ ಗುರುಮುಖಿ ಅಕ್ಷರಗಳನ್ನು ನೋಡುತ್ತ ಬೆಳೆದ ನಮ್ಮಂಥವರಿಗೆ ಪಂಜಾಬಿ ಎಂದರೆ ಸಿಖ್ಖರ ಭಾಷೆ ಎಂಬುದು ಸಹಜವಾಗಿ ಮನಸ್ಸಿನಲ್ಲಿ ಕೂತಿರುತ್ತದೆ. ವಾಸ್ತವದಲ್ಲಿ ಸಿಖ್ಖರ ಗುರುಗ್ರಂಥದಲ್ಲಿಯೇ ಪಾಕ್‌ಪಟ್ಟಣದ ಸೂಫಿ ಬಾಬಾ ಫರೀದರ ರಚನೆಗಳಿವೆ. ಕಸೂರಿನ ಸೂಫಿ ಕವಿ ಬುಲ್ಲೇ ಶಾಹ್, 1766ರಲ್ಲಿ ಹೀರ್ ರಾಂಝಾ ಕಥೆಯನ್ನು ಕಾವ್ಯವಾಗಿಸಿದ ವಾರಿಸ್ ಶಾಹ್ ಇಬ್ಬರೂ ಮುಸ್ಲಿಮರು. ಭಾಷೆಯನ್ನು ಧರ್ಮಕ್ಕೆ ಕಟ್ಟಿಹಾಕಿದ್ದು ಆಧುನಿಕ ರಾಜಕೀಯ. ಮುಸ್ಲಿಮರು ಉರ್ದುವಿನ ಕಡೆ, ಹಿಂದೂಗಳು ಹಿಂದಿಯ ಕಡೆ ಸರಿದರು, ಪಂಜಾಬಿ ಸಿಖ್ಖರ ಪಾಲಿಗೆ ಉಳಿಯಿತು. ಮನೆಯಲ್ಲಿ ಪಂಜಾಬಿ ಆಡುತ್ತಿದ್ದ ಅನೇಕ ಹಿಂದೂ ಕುಟುಂಬಗಳು ಜನಗಣತಿಯಲ್ಲಿ ಹಿಂದಿ ಎಂದು ಬರೆಸಿದವು. ಜಗಳ ಎಷ್ಟು ತೀವ್ರವಾಗಿತ್ತೆಂದರೆ 1951ರಲ್ಲಿ ಪಂಜಾಬಿನಲ್ಲಿ ಹಿಂದಿ, ಉರ್ದು, ಪಂಜಾಬಿ, ಪಹಾಡಿಗಳನ್ನು ಬೇರೆಬೇರೆಯಾಗಿ ಲೆಕ್ಕ ತೋರಿಸದೆ ಒಟ್ಟುಗೂಡಿಸಬೇಕಾಯಿತು. ಭಾಷಾವಾರು ಪಂಜಾಬಿನ ಬೇಡಿಕೆಯನ್ನು 1955ರಲ್ಲಿ ರಾಜ್ಯ ಪುನರ್ವಿಂಗಡಣಾ ಆಯೋಗ ತಳ್ಳಿಹಾಕಿತು. ಮರುವರ್ಷ ನವೆಂಬರ್ 1ರಂದು ನಮ್ಮ ನಾಡು ಒಂದಾಯಿತು; ಪಂಜಾಬಿಗಳು ಚಳವಳಿ, ಜೈಲು, ಉಪವಾಸಗಳನ್ನು ದಾಟಿ 1966ರ ಅದೇ ನವೆಂಬರ್ 1ರವರೆಗೆ ಕಾಯಬೇಕಾಯಿತು.

ರಾಜ್ಯ ಸಿಕ್ಕಿತು, 1967ರಲ್ಲಿ ಆಡಳಿತ ಭಾಷಾ ಕಾನೂನು ಬಂತು, ಅದಕ್ಕೂ ಮೊದಲೇ 1962ರಲ್ಲಿ ಪಟಿಯಾಲಾದಲ್ಲಿ ಪಂಜಾಬಿ ವಿಶ್ವವಿದ್ಯಾಲಯ ಹುಟ್ಟಿತ್ತು. ಇವೆಲ್ಲ ಲಾಹೋರಿಗೆ ಕನಸಿನ ಮಾತು. ಹೀಗಿದ್ದೂ ಒಂದರಿಂದ ಹತ್ತನೆಯ ತರಗತಿಯವರೆಗೆ ಪಂಜಾಬಿ ಕಲಿಕೆ ಕಡ್ಡಾಯವೆಂದು 2008ರಲ್ಲಿ ಕಾನೂನು ಮಾಡಬೇಕಾಯಿತು. ಶಾಲೆಗಳು ಅದನ್ನು ಹಗುರವಾಗಿ ತೆಗೆದುಕೊಂಡಿದ್ದರಿಂದ 2021ರಲ್ಲಿ ದಂಡವನ್ನು ಎರಡು ಲಕ್ಷ ರೂಪಾಯಿಯವರೆಗೆ ಏರಿಸಬೇಕಾಯಿತು. ಆ ರಾಜ್ಯದ ಸಣ್ಣ ಪಟ್ಟಣಗಳಲ್ಲೂ ವಿದೇಶಕ್ಕೆ ಹೋಗಲು ಬರೆಯುವ ಐಇಎಲ್‌ಟಿಎಸ್ ಎಂಬ ಇಂಗ್ಲಿಷ್ ಪರೀಕ್ಷೆಯ ತರಬೇತಿ ಕೇಂದ್ರಗಳು ಸಾಲುಗಟ್ಟಿವೆ, ಆ ಪರೀಕ್ಷೆಯ ಅಂಕ ನೋಡಿ ಮದುವೆ ಕುದುರಿಸುವುದೂ ಉಂಟು. ಊರು ಬಿಟ್ಟು ಕೆನಡಾ ಸೇರುವುದೇ ಗುರಿಯಾದ ಕಡೆ ಊರಿನ ಭಾಷೆಯ ಪಠ್ಯಪುಸ್ತಕವನ್ನು ಯಾರು ಗಂಭೀರವಾಗಿ ಓದುತ್ತಾರೆ? (ನಮ್ಮಲ್ಲೂ ಕನ್ನಡ ಕಲಿಕೆಯ ಕಾನೂನು 2015ರಲ್ಲಿ ಬಂತು. ಅದನ್ನು ತಪ್ಪಿಸಿಕೊಳ್ಳುವ ದಾರಿ ಹುಡುಕುತ್ತಿರುವವರಲ್ಲಿ ಕನ್ನಡಿಗರ ಮಾಲೀಕತ್ವದ ಶಾಲೆಗಳೂ ಇವೆ ಎಂಬುದನ್ನು ಬೆಂಗಳೂರಿನ ಪೋಷಕರಿಗೆ ಬಿಡಿಸಿ ಹೇಳಬೇಕಿಲ್ಲ.)

ಇಷ್ಟು ಹೇಳಿದಾಗ ಗೆಳೆಯರು ಹಾಡಿನ ಮಾತೆತ್ತುತ್ತಾರೆ. ಬೆಂಗಳೂರಿನ ಮದುವೆ ಮನೆಯಲ್ಲೂ ಪಂಜಾಬಿ ಹಾಡಿಗೆ ಕುಣಿಯುತ್ತಾರಲ್ಲ, ಇನ್ನೇನು ಭಯ ಎನ್ನುತ್ತಾರೆ. ಹಾಡು ಭಾಷೆಯನ್ನು ದೂರದೂರಕ್ಕೆ ಕೇಳಿಸುತ್ತದೆ, ಆದರೆ ಅರ್ಜಿ ಬರೆಯಲು, ತೀರ್ಪು ಓದಲು, ರೋಗಿಗೆ ಔಷಧ ವಿವರಿಸಲು ಬೇಕಾದ ಭಾಷೆಯನ್ನು ಅದು ಕಟ್ಟಿಕೊಡುವುದಿಲ್ಲ. ಜಗತ್ತೇ ಕುಣಿಯುವ ಭಾಷೆಯೊಂದು ತನ್ನ ಅತಿ ದೊಡ್ಡ ನೆಲೆಯಲ್ಲಿ ಅಕ್ಷರ ಬಾರದವರ ಭಾಷೆಯಾಗಿ ಉಳಿಯಬಹುದು ಎಂಬುದಕ್ಕೆ ಪಂಜಾಬಿಯೇ ಸಾಕ್ಷಿ. ಕೆನಡಾದ ಸರ್ರೆ ನಗರದ ಸರ್ಕಾರಿ ಶಾಲೆಗಳಲ್ಲಿ ಮಕ್ಕಳು ಪಂಜಾಬಿಯನ್ನು ವಿಷಯವಾಗಿ ಕಲಿಯಬಹುದು. ಆದರೆ ಅಲ್ಲಿ ಕಲಿಸುವುದು ಗುರುಮುಖಿ ಲಿಪಿಯಲ್ಲಿ. ಪಾಕಿಸ್ತಾನದ ಫೈಸಲಾಬಾದಿನಿಂದ ಹೋದ ಕುಟುಂಬ ಆ ಪುಸ್ತಕವನ್ನು ಓದಲಾರದು, ಏಕೆಂದರೆ ಅವರ ಪಂಜಾಬಿ ಬರೆಯುವುದು ಅರಬ್ಬೀ-ಪಾರ್ಸಿ ಮೂಲದ ಶಾಹಮುಖಿ ಲಿಪಿಯಲ್ಲಿ, ಅದನ್ನೂ ಅವರಿಗೆ ಶಾಲೆ ಕಲಿಸಿರುವುದಿಲ್ಲ.

ಲಾಹೋರಿನ ಸ್ಥಿತಿ ನಮ್ಮ ಕಲ್ಯಾಣ ಕರ್ನಾಟಕದವರಿಗೆ ಬೇಗ ಅರ್ಥವಾಗುತ್ತದೆ. ನಿಜಾಮರ ಆಳ್ವಿಕೆಯಲ್ಲಿ ಇಲ್ಲಿ ಕಚೇರಿಯೂ ಉರ್ದು, ಉನ್ನತ ಶಿಕ್ಷಣವೂ ಉರ್ದು. 1918ರಲ್ಲಿ ಹೈದರಾಬಾದಿನಲ್ಲಿ ಆರಂಭವಾದ ಉಸ್ಮಾನಿಯಾ ವಿಶ್ವವಿದ್ಯಾಲಯದ ಬೋಧನಾ ಮಾಧ್ಯಮವೇ ಅದಾಗಿತ್ತು. ಹೊಲದಲ್ಲಿ ಕನ್ನಡ, ತಹಸೀಲಿನಲ್ಲಿ ಉರ್ದು ಎಂಬ ಬದುಕನ್ನು ನಮ್ಮ ಅಜ್ಜಂದಿರ ಪೀಳಿಗೆ ಕಂಡಿತ್ತು. ನಮಗಿದ್ದ ಅನುಕೂಲವೆಂದರೆ ಕನ್ನಡವನ್ನು ಆಡಳಿತಕ್ಕೂ ಶಾಲೆಗೂ ಬಳಸುವ ಮೈಸೂರಿನಂಥ ನೆಲ ಪಕ್ಕದಲ್ಲಿತ್ತು, ಏಕೀಕರಣವಾದಾಗ ಅದರ ಬಲ ನಮಗೂ ದೊರೆಯಿತು. ಪಾಕಿಸ್ತಾನದ ಪಂಜಾಬಿಗಳಿಗೂ ಪಕ್ಕದಲ್ಲಿ ಪಟಿಯಾಲಾ, ಅಮೃತಸರಗಳಿವೆ, ಆದರೆ ನಡುವೆ ಗಡಿಯಿದೆ, ಲಿಪಿಯೂ ಬೇರೆ.

2024ರಲ್ಲಿ ಲಾಹೋರಿನ ಶಾಸನಸಭೆ ತನ್ನ ನಿಯಮ ತಿದ್ದಿ, ಪಂಜಾಬಿ, ಸರಾಯ್ಕಿ, ಪೊಠೋಹಾರಿ, ಮೇವಾತಿ ಭಾಷೆಗಳಲ್ಲಿ ಸದಸ್ಯರು ಮಾತನಾಡಲು ಅವಕಾಶ ಕೊಟ್ಟಿತು. ಇದನ್ನು ಸಂಭ್ರಮಿಸಿದವರ ಸಂತೋಷವನ್ನು ಕಡೆಗಣಿಸಲಾರೆ, ಆದರೆ ನನಗೆ ಇದರಲ್ಲಿ ಅರ್ಧ ಭರವಸೆ ಮಾತ್ರ. ಸದನದ ಭಾಷಣಕ್ಕೆ ಖರ್ಚಿಲ್ಲ. ಒಂದನೆಯ ತರಗತಿಗೆ ಪುಸ್ತಕ ಬರೆಸಬೇಕು, ಅದನ್ನು ಕಲಿಸುವ ಶಿಕ್ಷಕರನ್ನು ಸಾವಿರಾರು ಸಂಖ್ಯೆಯಲ್ಲಿ ನೇಮಿಸಬೇಕು, ನೌಕರಿಯ ಪರೀಕ್ಷೆಯಲ್ಲಿ ಆ ಭಾಷೆಗೆ ಅಂಕ ಇಡಬೇಕು. ಇವಕ್ಕೆಲ್ಲ ಮುಂಗಡಪತ್ರದಲ್ಲಿ ಹಣ ಬೇಕು. ಪಂಜಾಬಿಯಲ್ಲಿ ಎಂ.ಎ. ಮುಗಿಸಿದವರನ್ನು ಅಲ್ಲಿನ ವಿಶ್ವವಿದ್ಯಾಲಯಗಳು ಪ್ರತಿವರ್ಷ ಹೊರಗೆ ಕಳಿಸುತ್ತಲೇ ಇವೆ, ಆದ್ದರಿಂದ ಕಲಿಸುವವರಿಲ್ಲ ಎಂಬ ನೆಪವನ್ನೂ ಹೇಳುವಂತಿಲ್ಲ.