ಚೇಷ್ಟಾ ಬೇಡ, ಚೆನ್ನಮ್ಮ ಇರಲಿ

ತಮ್ಮನಿಗೆ ಮಗಳು ಹುಟ್ಟಿ ಇವತ್ತಿಗೆ ಒಂಬತ್ತು ದಿನ. ಅಶ್ವಿನಿ ನಕ್ಷತ್ರ, ಎರಡನೇ ಪಾದ. ಪಂಚಾಂಗದಲ್ಲಿ ಅಶ್ವಿನಿಯ ನಾಲ್ಕು ಪಾದಕ್ಕೆ ಚು, ಚೆ, ಚೋ, ಲಾ ಅಂತ ಹಂಚಿಟ್ಟಿದ್ದಾರೆ, ನಮ್ಮ ಪಾಲಿಗೆ ಬಂದದ್ದು 'ಚೆ'. ಅವತ್ತಿನಿಂದ ಮನೆಯ ವಾಟ್ಸಾಪ್ ಗುಂಪಿನಲ್ಲಿ ಹೆಸರುಗಳ ಹರಾಜು ನಡೀತಿದೆ. ಚೇತನಾ ಅಂದರು, ನಮ್ಮ ಬೀದಿಯಲ್ಲೇ ಮೂವರಿದ್ದಾರೆ. ಆಮೇಲೆ ದುಬೈನಲ್ಲಿರೋ ಚಿಕ್ಕಪ್ಪನ ಮಗ ಎಲ್ಲಿಂದಲೋ ಹೆಕ್ಕಿ ತಂದು 'ಚೇಷ್ಟಾ' ಅಂತ ಹಾಕಿದ. ಸಂಸ್ಕೃತದಲ್ಲಿ 'ಪ್ರಯತ್ನ' ಅಂತ ಅರ್ಥವಂತೆ, ಯೂನಿಕ್ ಆಗಿದೆಯಂತೆ. ಆರು ಜನ ಹಾರ್ಟ್ ಒತ್ತಿದರು. ಕನ್ನಡದ ಮನೆಯಲ್ಲಿ ಬೆಳೆಯೋ ಮಗುವಿಗೆ 'ಚೇಷ್ಟೆ ಮಾಡಬೇಡ ಚೇಷ್ಟಾ' ಅಂತ ಗದರಬೇಕಾದೀತು ಅನ್ನೋದು ಒಬ್ಬರಿಗೂ ಹೊಳೆಯಲಿಲ್ಲ.

ನಾನು 'ಚೆನ್ನಮ್ಮ' ಅಂತ ಬರೆದೆ.

ಹದಿನೇಳು ಜನ ಓದಿದ್ದಾರೆ ಅಂತ ತೋರಿಸ್ತಿತ್ತು. ಉತ್ತರವಿಲ್ಲ. ಅರ್ಧ ಗಂಟೆಯ ಮೇಲೆ ಒಬ್ಬರು ನಗುವ ಮುಖ ಹಾಕಿದರು. ಇನ್ನೊಬ್ಬರು, ವಯಸ್ಸಲ್ಲಿ ನನಗಿಂತ ದೊಡ್ಡವರು, ಬರೆದರು: 'ಮಗೂಗೆ ಹೆಸರು ಕೇಳಿದ್ದು ಕಣೇ, ಮನೆಕೆಲಸದವಳನ್ನ ಹುಡುಕ್ತಿಲ್ಲ.'

ತಮಾಷೆಗೆ ಅಂದದ್ದು, ಗೊತ್ತು. ಆದರೂ ಎರಡು ದಿನ ಅದು ಗಂಟಲಲ್ಲಿ ಮೀನಿನ ಮುಳ್ಳಿನ ಹಾಗೆ ಕೂತಿದೆ. ಅಲ್ಲಿ ಜಗಳ ಆಡೋಕೆ ಮನಸ್ಸಿಲ್ಲ, ಇಲ್ಲಿ ಬರೀತಿದ್ದೀನಿ.

ಮೊದಲು ಒಂದು ಲೆಕ್ಕ ಹಾಕಿ. ಬೆಳಿಗ್ಗೆ ಎದ್ದಾಗಿಂದ ಈ ಹೊತ್ತಿನವರೆಗೆ 'ಚೆನ್ನಾಗಿ' ಅನ್ನೋ ಮಾತು ಎಷ್ಟು ಸಲ ನಿಮ್ಮ ಬಾಯಲ್ಲಿ ಬಂದಿದೆ? ಚೆನ್ನಾಗಿದ್ದೀರಾ, ಕಾಫಿ ಚೆನ್ನಾಗಿದೆ, ಫೋಟೋ ಚೆನ್ನಾಗಿ ಬಂದಿದೆ, ಚೆನ್ನಾಗಿ ಓದು, ಅವರಿಬ್ಬರೂ ಈಗ ಚೆನ್ನಾಗಿಲ್ಲವಂತೆ. ಬಸ್ಸಲ್ಲಿ ಕಾಲು ತುಳಿದವನಿಗೆ ಚೆನ್ನಾಗಿ ಉಗಿದೆ. 'ಚೆನ್ನ' ಅಂದರೆ ಚೆಲುವು ಅಂತ ನಿಘಂಟು ಹೇಳುತ್ತೆ. ತೆಲುಗಿನಲ್ಲೂ 'ಚೆನ್ನು' ಅಂದರೆ ಚೆಲುವೇ. ಆದರೆ ಕನ್ನಡದಲ್ಲಿ ಆ ಪದ ಬರೀ ಮುಖದ ಚೆಲುವಿನ ಹತ್ತಿರ ನಿಂತಿಲ್ಲ. ಆರೋಗ್ಯ, ರುಚಿ, ಸಂಬಂಧ, ಕೆಲಸದ ಅಚ್ಚುಕಟ್ಟು, ಕೊನೆಗೆ ಬೈಗುಳದ ಖಾರವನ್ನೂ ಅದೇ ಹೊರುತ್ತೆ. 'ಹೆಣ್ಣುಮಗುವಿಗೆ ಸುಂದರಿ ಅಂತ ಹೆಸರಿಟ್ಟು ಅವಳನ್ನ ಮುಖಕ್ಕೆ ಇಳಿಸ್ತೀಯಾ' ಅಂತ ಒಬ್ಬ ಗೆಳತಿ ಕೇಳಿದಳು. ಒಳ್ಳೆಯ ಪ್ರಶ್ನೆಯೇ. ಆದರೆ ನಮ್ಮಜ್ಜಿ ಯಾರನ್ನಾದರೂ ಬಾಗಿಲ ತನಕ ಬಂದು ಬೀಳ್ಕೊಡುವಾಗ 'ಚೆನ್ನಾಗಿರು' ಅಂತಿದ್ದಳಲ್ಲ, ಅದು 'ಸುಂದರವಾಗಿರು' ಅಂತಲಾ?

ಇನ್ನೊಂದು, ಈ ಪದಕ್ಕೆ ಗಂಡು ಹೆಣ್ಣಿನ ಬೇಧವೇ ಇಲ್ಲ. ಚೆನ್ನಪ್ಪ, ಚೆನ್ನಯ್ಯ, ಚೆನ್ನೇಗೌಡ, ಚೆನ್ನವೀರ, ಚೆನ್ನಬಸವ. ತುಳುನಾಡಿನ ಅವಳಿ ವೀರರು ಕೋಟಿ ಚೆನ್ನಯರು. ದೇವರನ್ನೂ ಬಿಟ್ಟಿಲ್ಲ. ನಾವು ಹಾಸನದ ಕಡೆಯವರು, ಬೇಲೂರಿನ ಚೆನ್ನಕೇಶವ ನಮ್ಮ ಮನೆದೇವರು, ಅಜ್ಜಿಗೆ ಚೆನ್ನಮ್ಮ ಅಂತ ಹೆಸರು ಬಂದದ್ದೇ ಅಲ್ಲಿಂದ. ಈ ದೇವರ ಹೆಸರಿನದ್ದೇ ಒಂದು ಸ್ವಾರಸ್ಯ ಇದೆ ಕೇಳಿ. 1117ರಲ್ಲಿ ವಿಷ್ಣುವರ್ಧನ ಪ್ರತಿಷ್ಠೆ ಮಾಡಿಸಿದಾಗ ಶಾಸನದಲ್ಲಿ ಇದ್ದದ್ದು 'ವಿಜಯನಾರಾಯಣ' ಅಂತ. ಗೆದ್ದ ರಾಜ ಇಟ್ಟ ಹೆಸರು, ಗೆಲುವಿನ ಹೆಸರು. ಜನ ತಲೆತಲಾಂತರದಿಂದ ಕರೆದದ್ದು ಮಾತ್ರ ಚೆನ್ನಕೇಶವ, ಇನ್ನೂ ಸಲಿಗೆ ಜಾಸ್ತಿಯಾದರೆ ಚೆನ್ನಿಗರಾಯ. ಚೆನ್ನಿಗ ಅಂದರೆ ಚೆಲುವಾಂತ. ಪಕ್ಕದಲ್ಲಿ ಶಾಂತಲೆ ಕಟ್ಟಿಸಿದ ಗುಡಿಯನ್ನೂ ಕಪ್ಪೆ ಚೆನ್ನಿಗರಾಯ ಅಂತಲೇ ಕರೆಯೋದು. 2023ರಲ್ಲಿ ಯುನೆಸ್ಕೋ ಪಟ್ಟಿಗೆ ಬೇಲೂರು ಸೇರಿದಾಗ ಪೇಪರಿನಲ್ಲೆಲ್ಲ ಬಂದದ್ದು ಚೆನ್ನಕೇಶವನೇ. ಕಲ್ಲಿನಲ್ಲಿ ಕೊರೆದ ಹೆಸರನ್ನು ಶಾಸನ ಓದುವವರಿಗೆ ಬಿಟ್ಟು, ಊರು ಬಾಯಿಪಾಠದ ಹೆಸರನ್ನು ಇಟ್ಟುಕೊಂಡಿತು.

ಹೈಸ್ಕೂಲಿನಲ್ಲಿ 'ಅರಿಸಮಾಸ' ಅಂತ ಒಂದು ಪಾಠ ಇತ್ತು, ನೆನಪಿದೆಯಾ? ಕನ್ನಡ ಪದಕ್ಕೆ ಸಂಸ್ಕೃತ ಪದ ಜೋಡಿಸಿ ಸಮಾಸ ಮಾಡಬಾರದು, ಮಾಡಿದರೆ ಅದು ಅರಿ, ಅಂದರೆ ಶತ್ರು. ಮುಳಗುಂದದ ನಯಸೇನ ಕನ್ನಡ ಕಾವ್ಯದೊಳಗೆ ಸಂಸ್ಕೃತ ತುರುಕುವವರನ್ನು ಕಂಡು, ತುಪ್ಪಕ್ಕೆ ಎಣ್ಣೆ ಬೆರೆಸೋದು ತಕ್ಕುದೇ ಅಂತ ಕೇಳಿದ. ಅದೂ ಇದೇ ಹನ್ನೆರಡನೇ ಶತಮಾನದ ಆರಂಭದಲ್ಲಿ. ಆ ನಿಯಮ ಹಿಡಿದು ಹೊರಟರೆ ಚೆನ್ನ ಕನ್ನಡ, ಕೇಶವ ಸಂಸ್ಕೃತ, ಹಾಗಾಗಿ ಚೆನ್ನಕೇಶವ ಅನ್ನೋದೇ ವ್ಯಾಕರಣದೋಷ! ಚೆನ್ನಮಲ್ಲಿಕಾರ್ಜುನನೂ ಅಷ್ಟೇ. ಭಕ್ತರು ಪಂಡಿತರನ್ನು ಕೇಳಿ ದೇವರನ್ನ ಕೂಗೋದಿಲ್ಲ. 'ಚೆನ್ನಮ್ಮ'ನಿಗಾದರೆ ಆ ತಕರಾರೂ ಇಲ್ಲ. ಚೆನ್ನವೂ ನಮ್ಮದು, ಅಮ್ಮನೂ ನಮ್ಮವಳು.

ಚೆನ್ನಮಲ್ಲಿಕಾರ್ಜುನ ಅಂದೆನಲ್ಲ, ಅಲ್ಲಿ ಸ್ವಲ್ಪ ನಿಲ್ಲಬೇಕು. ಶ್ರೀಶೈಲದ ಮಲ್ಲಿಕಾರ್ಜುನನಿಗೆ 'ಚೆನ್ನ' ಸೇರಿಸಿ ತನ್ನ ಅಂಕಿತ ಮಾಡಿಕೊಂಡವಳು ಉಡುತಡಿಯ ಅಕ್ಕಮಹಾದೇವಿ. ಊರಿನವರು, ಅರಸು, ಎಲ್ಲರೂ ಅವಳ ಚೆಲುವನ್ನು ನೋಡ್ತಿದ್ದಾಗ, ಅವಳು ಆ ಪದವನ್ನೇ ಎತ್ತಿ ರೂಪವೇ ಇಲ್ಲದವನಿಗೆ ಕೊಟ್ಟಳು. ನನ್ನನ್ನಲ್ಲ, ಅವನನ್ನು ನೋಡಿ ಅನ್ನೋ ಹಾಗೆ. ಗೆಳತಿಯ ಪ್ರಶ್ನೆಗೆ ಇದಕ್ಕಿಂತ ಒಳ್ಳೆಯ ಉತ್ತರ ನನ್ನ ಹತ್ತಿರ ಇಲ್ಲ.

ರಾಣಿಯರ ಕಥೆಗೆ ಬರ್ತೀನಿ, ಇಲ್ಲಾಂದ್ರೆ ನೀವೇ ಕಾಮೆಂಟಲ್ಲಿ ಹಾಕ್ತೀರಿ. ಕಿತ್ತೂರು ಚೆನ್ನಮ್ಮ ಎಲ್ಲರಿಗೂ ಗೊತ್ತು. ಕಾಕತಿಯಲ್ಲಿ ಹುಟ್ಟಿದವಳು, 1824ರ ಅಕ್ಟೋಬರಿನಲ್ಲಿ ಧಾರವಾಡದ ಕಲೆಕ್ಟರ್ ಥ್ಯಾಕರೆಯ ಪಡೆಯನ್ನು ಬಡಿದವಳು, ಥ್ಯಾಕರೆ ಸತ್ತದ್ದು ಆ ಕಾಳಗದಲ್ಲೇ. ಡಿಸೆಂಬರಿನಲ್ಲಿ ಬ್ರಿಟಿಷರು ದೊಡ್ಡ ದಂಡು ತಂದು ಗೆದ್ದರು. ಬೈಲಹೊಂಗಲದ ಸೆರೆಯಲ್ಲಿ 1829ರಲ್ಲಿ ತೀರಿಕೊಂಡಳು. ಅವಳಿಗಿಂತ ಒಂದೂವರೆ ಶತಮಾನ ಮೊದಲು ಕೆಳದಿಯ ಚೆನ್ನಮ್ಮ, ಗೌರವದಿಂದ ಚೆನ್ನಮ್ಮಾಜಿ. ಗಂಡ ಸೋಮಶೇಖರ ನಾಯಕ ಸತ್ತ ಮೇಲೆ ಕಾಲು ಶತಮಾನ ರಾಜ್ಯ ಆಳಿದಳು. ಔರಂಗಜೇಬನ ಸೈನ್ಯ ಬೆನ್ನಟ್ಟಿದ್ದಾಗ ಶಿವಾಜಿಯ ಮಗ ರಾಜಾರಾಮ ಬಂದು ಬಾಗಿಲು ತಟ್ಟಿದ, ಇವಳು ತೆರೆದಳು. ತೆರೆದರೆ ಏನಾಗುತ್ತೆ ಅಂತ ಗೊತ್ತಿದ್ದೂ ತೆರೆದಳು. ಚನ್ನಗಿರಿಗೆ ಆ ಹೆಸರು ಬಂದದ್ದು ಇವಳಿಂದ ಅಂತಾರೆ. ಇವಳಿಗೂ ಹಿಂದೆ, ಹದಿನಾರನೇ ಶತಮಾನದಲ್ಲಿ, ಗೇರುಸೊಪ್ಪೆಯ ಚೆನ್ನಭೈರಾದೇವಿ. ಜೈನ ರಾಣಿ. ಪೋರ್ಚುಗೀಸರು ಕಾಳುಮೆಣಸಿನ ರಾಣಿ ಅಂತ ಕರೆದದ್ದು ಇವಳನ್ನೇ. ಕೊನೆಗೆ ಅವಳ ರಾಜ್ಯವನ್ನು ನುಂಗಿದವರು ಕೆಳದಿಯ ನಾಯಕರು. ಒಬ್ಬ ಚೆನ್ನೆಯ ರಾಜ್ಯ ನುಂಗಿದ ಮನೆತನವನ್ನು ಮುಂದೆ ಇನ್ನೊಬ್ಬ ಚೆನ್ನೆ ಉಳಿಸಿದಳು.

ನನಗೆ ಇವರೆಲ್ಲರ ಜೊತೆ ನೆನಪಾಗೋದು ಮಾದಾರ ಚೆನ್ನಯ್ಯ. ಬಸವಣ್ಣನಂಥ ಮಂತ್ರಿ, ಚಮ್ಮಾರಿಕೆಯ ಕುಲದ ಆ ಹಿರಿಯನನ್ನು 'ಅಪ್ಪ' ಅಂತ ಕರೆದುಕೊಂಡ. ಯೋಚನೆ ಮಾಡಿ: ಬೇಲೂರಿನ ವೈಷ್ಣವ ದೇವರು, ಶ್ರೀಶೈಲದ ಶಿವ, ಗೇರುಸೊಪ್ಪೆಯ ಜೈನ ರಾಣಿ, ಕೆಳದಿ ಕಿತ್ತೂರಿನ ವೀರಶೈವ ರಾಣಿಯರು, ಮಾದಾರ ಶರಣ, ಹಾಸನದ ಹಳ್ಳಿಯಲ್ಲಿ ರಾಗಿ ಬೀಸ್ತಿದ್ದ ನಮ್ಮಜ್ಜಿ. ಇಷ್ಟು ಮಂದಿಯ ಮೈಮೇಲೆ ಸಲೀಸಾಗಿ ಕೂತ ಇನ್ನೊಂದು ಹೆಸರು ತೋರಿಸಿ. ಜಾತಿ ಕೇಳದ ಹೆಸರು ಬೇಕು ಅಂತ ಈಗ ಜನ 'ಆರ್ಯಾ', 'ಮೈರಾ' ಹುಡುಕ್ತಾರೆ. ಜಾತಿ ಕೇಳದ ಹೆಸರು ಮನೆಯಲ್ಲೇ ಇತ್ತಲ್ಲ.

ಅದಿರಲಿ, 'ಮನೆಕೆಲಸದವಳು' ಅನ್ನೋ ಮಾತಿಗೆ ಬರೋಣ. ಅದರಲ್ಲಿ ಸುಳ್ಳೇನಿಲ್ಲ, ಅದೇ ನೋವು. ಚೆನ್ನಮ್ಮ, ಕೆಂಚಮ್ಮ, ನಿಂಗವ್ವ, ಮಲ್ಲವ್ವ, ಪುಟ್ಟಮ್ಮ ಇವೆಲ್ಲ ಈಗ ಉಳಿದಿರೋದು ಹೆಚ್ಚಾಗಿ ನಮ್ಮ ಪಾತ್ರೆ ತೊಳೆಯುವ, ನಮ್ಮ ರಸ್ತೆ ಗುಡಿಸುವ ಹೆಂಗಸರ ಹತ್ತಿರ. ಓದಿದ ಮನೆಗಳು ಒಂದೊಂದಾಗಿ ಸಂಸ್ಕೃತಕ್ಕೆ ಹತ್ತಿದವು. ಮೊದಲು ಅಮ್ಮ ಹೋಗಿ ಅಂಬಾ ಬಂದಳು. ಮೈಸೂರಿನ ಚೆಲುವಾಂಬ ಆಸ್ಪತ್ರೆಯ ಹೆಸರಲ್ಲಿ ನೋಡಿ, ಚೆಲುವು ಕನ್ನಡವಾಗೇ ಉಳಿದಿದೆ, ಅಮ್ಮ ಮಾತ್ರ ಅಂಬಾ ಆಗಿದ್ದಾಳೆ. ಆಮೇಲೆ ಚೆಲುವೂ ಹೋಯಿತು. ಹಾಗೆ ಹತ್ತಿದವರನ್ನು ನಾನು ಬೈಯಲಾರೆ. ಹೆಸರು ಕೇಳಿದ ಕೂಡಲೇ ಯಾವ ಕೇರಿ ಅಂತ ಅಳೆಯುವ ಊರಲ್ಲಿ, ಅಳತೆಗೆ ಸಿಗದ ಹೆಸರನ್ನು ಮಗಳಿಗೆ ಇಡೋದು ಅಪ್ಪ ಅಮ್ಮನಿಗೆ ರಕ್ಷಣೆಯ ದಾರಿ. ನಮ್ಮಪ್ಪನೂ ಅದನ್ನೇ ಮಾಡಿದ. ತೊಟ್ಟಿಲಲ್ಲಿ ನನ್ನ ಕಿವಿಗೆ ಸೋದರತ್ತೆ ಹೇಳಿದ ಹೆಸರು ಚೆನ್ನಮ್ಮ. ಶಾಲೆಗೆ ಸೇರಿಸುವ ದಿನ ಅಪ್ಪ ಅರ್ಜಿಯಲ್ಲಿ ಬೇರೆ ಹೆಸರು ಬರೆದ, ಈಗ ಈ ಬರಹದ ಮೇಲೆ ನಿಮಗೆ ಕಾಣ್ತಿರೋದು. ಅರ್ಜಿ ತುಂಬಿಸಿಕೊಳ್ತಿದ್ದ ಮೇಷ್ಟ್ರು 'ಈಗ ಲಕ್ಷಣವಾಗಿದೆ' ಅಂದರಂತೆ. ಚೆನ್ನ ಅನ್ನೋ ಪದವನ್ನು ಅಳಿಸಿದ್ದಕ್ಕೆ ಲಕ್ಷಣವಾಗಿದೆ ಅನ್ನೋ ಹೊಗಳಿಕೆ!

ಆದರೆ ಈಗ ನಾವು ಯಾರಿಗೆ ಹೆದರ್ತಿದ್ದೀವಿ? ಹುಬ್ಬಳ್ಳಿಯ ನಡುಮಧ್ಯ ಚೆನ್ನಮ್ಮ ಸರ್ಕಲ್ ಇದೆ. ಬೆಂಗಳೂರಿನಿಂದ ಸಾಂಗ್ಲಿಗೆ ರಾಣಿ ಚೆನ್ನಮ್ಮ ಎಕ್ಸ್‌ಪ್ರೆಸ್ ಓಡುತ್ತೆ. ಬೆಳಗಾವಿಯ ವಿಶ್ವವಿದ್ಯಾಲಯಕ್ಕೆ ಅವಳ ಹೆಸರು. 2007ರಿಂದ ದೆಹಲಿಯ ಸಂಸತ್ತಿನ ಆವರಣದಲ್ಲಿ ಅವಳ ಪ್ರತಿಮೆ. ಕುದುರೆ ಮೇಲೆ ಕೂತಿದ್ದರೆ ಸೈ, ರೈಲಿಗಾದರೆ ಸೈ, ತೊಟ್ಟಿಲಿಗೆ ಮಾತ್ರ ಬೇಡ. ಬೆಂಗಳೂರಲ್ಲಿ ಬನಶಂಕರಿ ಕಡೆ ಚೆನ್ನಮ್ಮನ ಕೆರೆ ಅಚ್ಚುಕಟ್ಟು ಅಂತ ಒಂದು ಬಡಾವಣೆ ಇದೆ. ಎಂಥಾ ಹೆಸರು ನೋಡಿ, ಒಬ್ಬ ಹೆಂಗಸು, ಅವಳ ಕೆರೆ, ಆ ಕೆರೆಯ ನೀರು ಉಣ್ಣುವ ಗದ್ದೆಬಯಲು ಮೂರೂ ಒಂದರಲ್ಲೇ ಇದೆ. ಆಟೋದವರಿಂದ ಹಿಡಿದು ಕೊರಿಯರ್ ಹುಡುಗರ ತನಕ ಎಲ್ಲರೂ ಕರೆಯೋದು ಸಿ.ಕೆ. ಅಚ್ಚುಕಟ್ಟು. ಚೆನ್ನಮ್ಮನ ಕೆರೆ ಎರಡು ಇಂಗ್ಲಿಷ್ ಅಕ್ಷರದಲ್ಲಿ ಮುಗೀತು.

ಗುಂಪಿನಲ್ಲಿ ಮೌನ ಮುರಿದವಳು ನನ್ನ ನಾದಿನಿ, ಮಗುವಿನ ತಾಯಿ. ಹಾವೇರಿಯವಳು. 'ನಮ್ಮ ಕಡೆ ಚನ್ನವ್ವ ಅಂತೀವಿ, ಚ ಮ್ಯಾಲ ಎತ್ವ ಬ್ಯಾಡ' ಅಂದಳು. ಅಲ್ಲಿಂದ ಹೊಸ ಜಗಳ ಶುರು. ಅಶ್ವಿನಿ ಎರಡನೇ ಪಾದಕ್ಕೆ 'ಚೆ'ಯೇ ಬೇಕು ಅಂತ ತಮ್ಮ, 'ಚ' ಅಂದರೆ ರೇವತಿಗೆ ಹೋಗುತ್ತೆ ಅಂತ ಅವನ ವಾದ. ಅದನ್ನು ನೋಡಿ ನನಗೆ ಖುಷಿಯಾಯ್ತು ಅಂದರೆ ನಂಬಿ, ಕಾಗುಣಿತಕ್ಕೆ ಜಗಳ ಆಡ್ತಿದ್ದಾರೆ ಅಂದರೆ ಹೆಸರನ್ನು ಅರ್ಧ ಒಪ್ಪಿದ ಹಾಗೇ ಅಲ್ವಾ. ಅವಳಿಗೆ ಚೆನ್ನಮ್ಮ ಪೂರ್ತಿ ಉದ್ದ ಅನಿಸಿದರೆ ಚೆನ್ನೆ ಅಂತ ಇಡಲಿ, ನನ್ನದೇನೂ ಹಟವಿಲ್ಲ. ಎರಡು ಕೆಜಿ ಎಂಟುನೂರು ಗ್ರಾಂ ಇರೋ ಕೂಸಿಗೆ 'ಅಮ್ಮ' ಸ್ವಲ್ಪ ಭಾರವೇ, ಒಪ್ತೀನಿ. ಅವಸರವೂ ಇಲ್ಲ. ಇಪ್ಪತ್ತೊಂದು ದಿನದೊಳಗೆ ಜನನ ನೋಂದಣಿ ಮಾಡಿಸಬೇಕು ನಿಜ, ಆದರೆ ಹೆಸರಿಲ್ಲದೆಯೂ ಮಾಡಿಸಬಹುದು. ಹನ್ನೆರಡು ತಿಂಗಳೊಳಗೆ ಶುಲ್ಕ ಇಲ್ಲದೆ ಹೆಸರು ಸೇರಿಸಿಕೊಳ್ಳೋಕೆ ಅವಕಾಶ ಇದೆ. ತೊಟ್ಟಿಲ ಶಾಸ್ತ್ರಕ್ಕೆ ಮಾತ್ರ ಇನ್ನು ಮೂರೇ ದಿನ, ಕಿವಿಯಲ್ಲಿ ಹೇಳುವ ಹಕ್ಕು ಸೋದರತ್ತೆಯದು. ಅಂದರೆ ನನ್ನದು. ಬೆನ್ನಿಗೆ ಗುದ್ದು ತಿನ್ನೋಕೂ ತಯಾರಿದ್ದೀನಿ.

ಇಷ್ಟರಲ್ಲಿ ಒಬ್ಬರನ್ನು ಕೇಳೋದೇ ಮರೆತಿದ್ದೆ. ನಮ್ಮಮ್ಮ. ಅತ್ತೆಯ ಹೆಸರು ಬಾಯಲ್ಲಿ ಹೇಳಬಾರದು ಅಂತ ಕಲಿತು ಬಂದವಳು ಅವಳು. ಹಾಗಾಗಿ ನನ್ನನ್ನು ಒಮ್ಮೆಯೂ ಆ ಹೆಸರಿನಿಂದ ಕರೆಯಲಿಲ್ಲ, ಅತ್ತೆಯ ಹೆಸರಿಟ್ಟ ಮಗಳನ್ನು ಬೈಯೋದು ಹೇಗೆ ಅಂತ ಅಮ್ಮಣ್ಣಿ ಅಂತಿದ್ದಳು. ಅಮ್ಮಣ್ಣಿ ಅಂತಲೇ ಕರೆದು ಬೇಕಾದಷ್ಟು ಬೈದಳು, ಅದು ಬೇರೆ. ತಮಾಷೆ ಏನಂದರೆ ಹೆಸರನ್ನು ಬಿಡಲು ಹೋಗಿ 'ಚೆನ್ನಾಗಿ' ಅನ್ನೋ ಪದವನ್ನೇ ಬಿಟ್ಟಿದ್ದಳು. ಸಾರು ಸೊಗಸಾಗಿದೆ, ಸೀರೆ ಪಸಂದಾಗಿದೆ, ಹುಷಾರಾಗಿದೀರಾ, ಮುದ್ದಾಗಿ ಬರಿ. ಒಂದು ಪದ ಇಲ್ಲದೆ ಇಡೀ ಸಂಸಾರ ನಡೆಸಿದಳು. ಅಜ್ಜಿ ಸತ್ತು ಇಪ್ಪತ್ತೆರಡು ವರ್ಷ ಆಯ್ತು.

ನಿನ್ನೆ ರಾತ್ರಿ ಫೋನ್ ಮಾಡಿ ಹೆಸರಿನ ವಿಷಯ ಹೇಳಿದೆ. ಆ ಕಡೆ ಸ್ವಲ್ಪ ಹೊತ್ತು ಬರೀ ಫ್ಯಾನಿನ ಸದ್ದು.

'ಮತ್ತೆ ನಾನು ಆ ಮಗೂನ ಹೆಂಗೆ ಕೂಗ್ಲಿ?' ಅಂದಳು.

'ಬೇಡ ಅಂದ್ರೆ ಬಿಡಮ್ಮ, ಬೇರೆ ನೋಡೋಣ.'

'ಬೇಡ ಅಂತ ನಾನೆಲ್ಲಿ ಅಂದೆ? ಹೆಸರು ಪಸಂದಾಗೈತೆ.'