ಆಟಕ್ಕೆ ಹೋಗುವ ದಾರಿಯಲ್ಲಿ ಅಂಗಡಿ ಯಾಕೆ?

ಕಾಲ್ ಆಫ್ ಡ್ಯೂಟಿ ಆಡುವವರಿಗೆ ‘ಎಚ್‌ಕ್ಯೂ’ ಅಂದರೆ ಏನು ಅಂತ ಹೇಳಬೇಕಾಗಿಲ್ಲ. ಆಡದವರಿಗಾಗಿ ಎರಡು ಮಾತು. ಕಾಲ್ ಆಫ್ ಡ್ಯೂಟಿ ಅಂದರೆ ಯುದ್ಧದ ಶೂಟಿಂಗ್ ಗೇಮ್‌ಗಳ ಸರಣಿ. ಈ ಸರಣಿಯ ಈಚಿನ ಗೇಮ್‌ಗಳಿಗೆ ತಲಾ ಒಂದು ಐಕಾನ್ ಅಂತ ಇಲ್ಲ, ಎಲ್ಲಕ್ಕೂ ಸೇರಿ ಒಂದು ಲಾಂಚರ್, ಅಂದರೆ ಗೇಮ್ ತೆರೆಯುವ ಪ್ರೋಗ್ರಾಂ. ಅದೇ ಎಚ್‌ಕ್ಯೂ. ಅದನ್ನು ತೆರೆದರೆ ದೊಡ್ಡ ದೊಡ್ಡ ಚಿತ್ರಗಳ ಸಾಲು. ದುಡ್ಡು ಕೊಟ್ಟು ಕೊಂಡ ಗೇಮ್, ಪುಕ್ಕಟೆ ಸಿಗುವ ವಾರ್‌ಝೋನ್, ಇನ್ನೂ ಕೊಳ್ಳದ ಹೊಸ ಗೇಮ್, ಈ ವಾರದ ಬಂಡಲ್, ಬ್ಯಾಟಲ್ ಪಾಸ್ ಅಂತ ದುಡ್ಡಿನ ಪ್ಯಾಕ್‌ಗಳು, ಎಲ್ಲ ಒಟ್ಟಿಗೆ. ಅದರಲ್ಲಿ ನಮ್ಮದು ಎಲ್ಲಿದೆ ಅಂತ ಹುಡುಕಿ ಒತ್ತಬೇಕು. ಒತ್ತಿದ ಮೇಲೆ ಎಷ್ಟೋ ಸಲ ಲಾಂಚರ್ ತಾನು ಮುಚ್ಚಿಕೊಂಡು ಇನ್ನೊಂದು ಪ್ರೋಗ್ರಾಂ ಆಗಿ ಮತ್ತೆ ತೆರೆದುಕೊಳ್ಳುತ್ತದೆ. ಮತ್ತೆ ಕಪ್ಪು ಪರದೆ, ಮತ್ತೆ ಲೋಗೋ, ಮತ್ತೆ ‘ಕನೆಕ್ಟಿಂಗ್’.

ಒಂದೇ ಲಾಂಚರ್ ಇರಲಿ, ನನಗೆ ಅಡ್ಡಿಯಿಲ್ಲ. ಆದರೆ ಇದನ್ನು ಕಟ್ಟಿರುವುದು ಆಡುವವನ ಅನುಕೂಲಕ್ಕಲ್ಲ, ಮಾರುವವನ ಅನುಕೂಲಕ್ಕೆ. ತಕರಾರು ಇರುವುದು ಅಲ್ಲಿ.

ಮೈಸೂರು ದಸರಾ ವಸ್ತುಪ್ರದರ್ಶನದಲ್ಲಿ ಜಯಂಟ್ ವ್ಹೀಲ್ ಹತ್ತಬೇಕಾದರೆ ಬೆಡ್‌ಶೀಟ್ ಮಳಿಗೆ, ಉಪ್ಪಿನಕಾಯಿ ಮಳಿಗೆ ಎಲ್ಲ ದಾಟಿಕೊಂಡು ಹೋಗಬೇಕಲ್ಲ, ಹಾಗಾಗಿದೆ ಇದು. ಅಲ್ಲಾದರೆ ಸರಿ, ನಾವು ಹೋಗಿರುವುದೇ ಸುತ್ತಾಡಲು. ರಾತ್ರಿ ಊಟ ಮುಗಿಸಿ ಒಂದರ್ಧ ಗಂಟೆ ಆಡೋಣ ಅಂತ ಕೂತವನಿಗೆ ದಿನಾ ಆ ಸುತ್ತು ಯಾಕೆ?

ನಮ್ಮ ಪೀಳಿಗೆಯವರಿಗೆ 2007ರ ಕಾಲ್ ಆಫ್ ಡ್ಯೂಟಿ 4 ನೆನಪಿರಬೇಕು. ಡಿಸ್ಕ್ ಹಾಕಿ ಇನ್‌ಸ್ಟಾಲ್ ಮಾಡಿದರೆ ಡೆಸ್ಕ್‌ಟಾಪ್ ಮೇಲೆ ಎರಡು ಐಕಾನ್ ಬರುತ್ತಿದ್ದವು: ಒಂದು ಸಿಂಗಲ್ ಪ್ಲೇಯರ್, ಇನ್ನೊಂದು ಮಲ್ಟಿಪ್ಲೇಯರ್. ಫೋಲ್ಡರ್ ತೆರೆದು ನೋಡಿದರೂ ಎರಡು ಬೇರೆ ಫೈಲ್, ಐಡಬ್ಲ್ಯೂ3ಎಸ್‌ಪಿ ಮತ್ತು ಐಡಬ್ಲ್ಯೂ3ಎಂಪಿ. ಕಥೆ ಆಡಬೇಕಾ, ಅದನ್ನು ಒತ್ತು. ಗೆಳೆಯರ ಜೊತೆ ಲ್ಯಾನ್‌ನಲ್ಲಿ ಕೂರಬೇಕಾ, ಇದನ್ನು ಒತ್ತು. ಡಿಸ್ಕ್‌ನಲ್ಲಿ 8 ಜಿಬಿ ಜಾಗ ಕೇಳುತ್ತಿತ್ತು. ಆಗ ಅದೇ ಹೆಚ್ಚು ಅಂತ ಬೈದುಕೊಂಡಿದ್ದೆವು.

ಅಲ್ಲಿಂದ ಇಲ್ಲಿಗೆ ಬಂದ ದಾರಿ ಒಮ್ಮೆಲೇ ಆದದ್ದಲ್ಲ. 2019ರ ಅಕ್ಟೋಬರ್‌ನಲ್ಲಿ ಮಾಡರ್ನ್ ವಾರ್‌ಫೇರ್ ಬಂತು, ಪಿಸಿಗೆ 175 ಜಿಬಿ ಜಾಗ ಇಟ್ಟುಕೊಳ್ಳಿ ಅಂದರು. 2020ರ ಮಾರ್ಚ್ 10ಕ್ಕೆ ಅದರ ಮಡಿಲಲ್ಲೇ ವಾರ್‌ಝೋನ್ ಹುಟ್ಟಿತು. ನಮ್ಮಲ್ಲಿ ಅದೇ ತಿಂಗಳ ಕೊನೆಗೆ ಲಾಕ್‌ಡೌನ್. ಅದೇ ವರ್ಷ ನವೆಂಬರ್‌ನಲ್ಲಿ ಬ್ಲ್ಯಾಕ್ ಆಪ್ಸ್ ಕೋಲ್ಡ್ ವಾರ್. ಇನ್ಫಿನಿಟಿ ವಾರ್ಡ್ ಮಾಡಿದ ಗೇಮಿನ ಮೆನುವಿನೊಳಗೆ ಟ್ರೆಯಾರ್ಕ್ ಮಾಡಿದ ಗೇಮಿಗೂ ಒಂದು ಬಟನ್ ಬಂದು ಕೂತಿತು. ಎರಡನ್ನೂ ಪೂರ್ತಿ ಇನ್‌ಸ್ಟಾಲ್ ಮಾಡಿದರೆ 500 ಜಿಬಿಯ ಮಾಮೂಲಿ ಪಿಎಸ್4ನಲ್ಲಿ ಜಾಗ ಸಾಲದೆ ಹೋಗಬಹುದು ಅಂತ 2021ರಲ್ಲಿ ಗೇಮ್ ಹೊರತರುವ ಕಂಪನಿ ಆ್ಯಕ್ಟಿವಿಷನ್ನೇ ಒಪ್ಪಿಕೊಂಡಿತು. 500 ಜಿಬಿ ಕನ್ಸೋಲ್, ಎರಡು ಗೇಮ್! 2022ರಲ್ಲಿ ಮಾಡರ್ನ್ ವಾರ್‌ಫೇರ್ 2 ಹೊಸದಾಗಿ ಬಂತು. 2023ರಲ್ಲಿ ಮಾಡರ್ನ್ ವಾರ್‌ಫೇರ್ 3 ಬರುವ ಹೊತ್ತಿಗೆ ಹಿಂದಿನ ವರ್ಷದ ಆ ಗೇಮಿನ ಆ್ಯಪ್ಪೇ ಹೆಸರು ಬದಲಿಸಿಕೊಂಡು ‘ಕಾಲ್ ಆಫ್ ಡ್ಯೂಟಿ ಎಚ್‌ಕ್ಯೂ’ ಆಗಿಬಿಟ್ಟಿತು.

ಇಲ್ಲಿ ಸ್ವಲ್ಪ ನಿಲ್ಲಬೇಕು. ಪಿಸಿ ಗೇಮ್ ಮಾರುವ ಆನ್‌ಲೈನ್ ಅಂಗಡಿ ಸ್ಟೀಮ್‌ನಲ್ಲಿ 2022ರ ಗೇಮಿಗೆ ಇದ್ದ ಪುಟವೇ ಎಲ್ಲರ ಪುಟ ಆಯಿತು. ಆ ಗೇಮ್ ಇಷ್ಟಪಟ್ಟವರ ರಿವ್ಯೂ, ವಾರ್‌ಝೋನ್‌ನಲ್ಲಿ ಚೀಟರ್‌ಗಳ ಕಾಟಕ್ಕೆ ರೇಗಿದವರ ರಿವ್ಯೂ, ಲಾಂಚರನ್ನೇ ಬೈದವರ ರಿವ್ಯೂ, ಎಲ್ಲ ಒಂದೇ ರಾಶಿಗೆ ಬಿದ್ದವು. ಪ್ಲೇಸ್ಟೇಷನ್‌ನಲ್ಲಿ ಹೊಸ ಗೇಮಿನ ಟ್ರೋಫಿಗಳು ಹಳೆಯದರ ಪಟ್ಟಿಗೇ ಬಾಲದಂತೆ ಸೇರಿಕೊಂಡವು. 70 ಡಾಲರ್ ಕೊಟ್ಟು ಕೊಂಡವರು “ಇದು ಗೇಮಾ, ಡಿಎಲ್‌ಸಿನಾ?” (ಡಿಎಲ್‌ಸಿ ಅಂದರೆ ಇರುವ ಗೇಮಿಗೆ ಸೇರಿಸುವ ಹೆಚ್ಚುವರಿ ಭಾಗ) ಅಂತ ಕೇಳಿದ್ದರಲ್ಲಿ ಆಶ್ಚರ್ಯವೇನೂ ಇಲ್ಲ. ಇನ್ನೊಂದು ವಿಷಯವನ್ನು ಹೆಚ್ಚು ಜನ ಗಮನಿಸುವುದಿಲ್ಲ. ಸ್ಟೀಮ್‌ನಲ್ಲಿ ಈ ಹೊತ್ತು ಎಷ್ಟು ಜನ ಆಡುತ್ತಿದ್ದಾರೆ ಅಂತ ಒಂದು ಲೆಕ್ಕ ಸಿಗುತ್ತದಲ್ಲ, ಅದೂ ಎಲ್ಲಕ್ಕೂ ಸೇರಿ ಒಂದೇ. ಹೊಸ ಗೇಮ್ ಮಲಗಿದೆಯೋ ಓಡುತ್ತಿದೆಯೋ ಹೊರಗಿನವರಿಗೆ ತಿಳಿಯುವ ಹಾಗಿಲ್ಲ. ಪುಕ್ಕಟೆ ವಾರ್‌ಝೋನ್ ಆಡುವವನೂ ಅದೇ ಲೆಕ್ಕದಲ್ಲಿ ಬರುತ್ತಾನೆ. ಕೊಳ್ಳಬೇಕೋ ಬೇಡವೋ ಅಂತ ಯೋಚಿಸುವವನ ಕೈಗೆ ಸಿಗುತ್ತಿದ್ದ ಒಂದು ಸುಳಿವು ಹೋಯಿತು. ಇದು ಬೇಕೆಂದೇ ಮಾಡಿದ್ದು ಅಂತ ನಾನು ಹೇಳುತ್ತಿಲ್ಲ, ಆದರೆ ಇದರಿಂದ ಕಂಪನಿಗೆ ನಷ್ಟವಂತೂ ಆಗಿಲ್ಲ.

ಅಕ್ಕನ ಮಗ ಇದನ್ನೆಲ್ಲ ಒಪ್ಪುವುದಿಲ್ಲ. “ಮಾಮ, ನೀವು ಹಳೇ ಕಾಲದವರ ಥರ ಮಾತಾಡ್ತೀರ. ಫ್ರೆಂಡ್ಸ್ ಲಿಸ್ಟ್ ಒಂದೇ, ಪಾರ್ಟಿ ಒಂದೇ, ಗನ್ ಲೆವೆಲ್ ಒಂದೇ. ಒಂದು ಮ್ಯಾಚ್ ವಾರ್‌ಝೋನ್, ಆಮೇಲೆ ಜೋಂಬೀಸ್, ಪಾರ್ಟಿ ಬಿಡೋದೇ ಬೇಡ. ನಿಮಗೇನು ಕಷ್ಟ?” ಅಂತಾನೆ.

ಅವನ ಮಾತಿನಲ್ಲಿ ಹುರುಳಿದೆ. ತಯಾರಕರ ಕಡೆಯಿಂದ ನೋಡಿದರೂ ಕಾರಣ ಇದೆ. ಇನ್ಫಿನಿಟಿ ವಾರ್ಡ್, ಟ್ರೆಯಾರ್ಕ್, ಸ್ಲೆಡ್ಜ್‌ಹ್ಯಾಮರ್, ಹೀಗೆ ಬೇರೆ ಬೇರೆ ಸ್ಟುಡಿಯೋಗಳು ಸರದಿಯ ಮೇಲೆ ವರ್ಷಕ್ಕೊಂದು ಗೇಮ್ ಕೊಡುತ್ತವೆ. ವಾರ್‌ಝೋನ್ ಮಾತ್ರ ನಿಲ್ಲದೆ ನಡೆಯುತ್ತಿರಬೇಕು, ಪ್ರತಿ ಹೊಸ ಗೇಮಿನ ಗನ್ನು ಅದರೊಳಗೆ ಬರಬೇಕು. ಎಲ್ಲರೂ ಒಂದೇ ಎಂಜಿನ್ ಮೇಲೆ ಕೆಲಸ ಮಾಡಿದರೆ ಮೋಸದಾಟ ತಡೆಯುವ ಆ್ಯಂಟಿ-ಚೀಟ್ ಒಂದು ಕಡೆ ಸರಿಮಾಡಿದರೆ ಸಾಕು. ಇದೆಲ್ಲ ನ್ಯಾಯವೇ.

ಆದರೆ ಅವನು ನೆಚ್ಚಿಕೊಂಡಿರುವ ‘ಎಲ್ಲ ಒಂದೇ ಕಡೆ’ ಅನ್ನುವ ಮಾತು ಎಷ್ಟು ಗಟ್ಟಿ? 2022ರ ಗೇಮಿನ ಗನ್ನು, ಸ್ಕಿನ್ನು (ಪಾತ್ರ, ಗನ್ನುಗಳಿಗೆ ಹಾಕುವ ವೇಷ) 2023ರ ಗೇಮಿಗೆ ಬಂದವು, ನಿಜ. ಅದಕ್ಕೂ ಮುಂಚೆ ಮೊದಲ ವಾರ್‌ಝೋನ್‌ನಲ್ಲಿ ಜನ ದುಡ್ಡು ಸುರಿದು ಕೊಂಡಿದ್ದು ವಾರ್‌ಝೋನ್ 2ಕ್ಕೆ ಬರಲಿಲ್ಲ, ಆ ಹಳೆಯ ವಾರ್‌ಝೋನನ್ನೂ 2023ರ ಸೆಪ್ಟೆಂಬರ್ 21ಕ್ಕೆ ಬಾಗಿಲು ಹಾಕಿದರು. ಬ್ಲ್ಯಾಕ್ ಆಪ್ಸ್ 6ರ ಆಪರೇಟರ್‌ಗಳು (ನಾವು ಆಡಿಸುವ ಪಾತ್ರಗಳು), ಗನ್ನುಗಳು ಬ್ಲ್ಯಾಕ್ ಆಪ್ಸ್ 7ಕ್ಕೂ ಬರುತ್ತವೆ ಅಂದವರು 2025ರ ಆಗಸ್ಟ್‌ನಲ್ಲಿ ಇಲ್ಲ ಅಂದರು. (ಆ ನಿರ್ಧಾರ ನನಗೆ ಇಷ್ಟವೇ ಆಯಿತು. ಯುದ್ಧದ ಕಥೆಯ ಮಧ್ಯೆ ಬಣ್ಣಬಣ್ಣದ ಕಾರ್ಟೂನ್ ವೇಷ ಯಾರಿಗೆ ಬೇಕು?) ಅಂದರೆ ಬಾಗಿಲು ಒಂದೇ ಆದ ಮಾತ್ರಕ್ಕೆ ಒಳಗಿನ ಸಾಮಾನು ನಮ್ಮ ಜೊತೆ ಬರುತ್ತದೆ ಅಂತಿಲ್ಲ. ಅದು ಆಯಾ ವರ್ಷದ ಲೆಕ್ಕಾಚಾರ. ಜಾಹೀರಾತು ಮಾತ್ರ ಯಾವ ವರ್ಷವೂ ತಪ್ಪುವುದಿಲ್ಲ.

ಜಾಗದ ಮಾತಿಗೆ ಬರೋಣ. ಮಾಡರ್ನ್ ವಾರ್‌ಫೇರ್ 3 ಪಿಸಿಯಲ್ಲಿ ಹತ್ತಿರ ಹತ್ತಿರ 150 ಜಿಬಿ ಕೇಳಿತು. ಪಿಎಸ್5ನಲ್ಲಿ ಹಳೆಯದೂ ಸೇರಿ 200 ಜಿಬಿ ದಾಟಿದ್ದನ್ನು ಜನ ಫೋಟೋ ಸಮೇತ ಹಾಕಿದರು. ಮೊದಲ ದಿನದಿಂದಲೇ ಜೋಂಬೀಸ್‌ಗೆ ದೊಡ್ಡ ಮ್ಯಾಪ್ ಇದೆ, ಹಿಂದಿನ ಗೇಮಿನ ಸಾಮಾನಿದೆ, ವಾರ್‌ಝೋನ್ ಮ್ಯಾಪ್ ಇದೆ, ಅದಕ್ಕೇ ಇಷ್ಟು ಅಂತ ಕಂಪನಿ ವಿವರಣೆ ಕೊಟ್ಟಿತು. ಅಮೆರಿಕದಲ್ಲಿ ಕೂತು ಇದನ್ನು ಕೇಳುವುದು ಬೇರೆ. ನಮ್ಮೂರ 40 ಎಂಬಿಪಿಎಸ್ ಲೈನಿನಲ್ಲಿ 150 ಜಿಬಿ ಇಳಿಸಲು, ಒಂದು ಕ್ಷಣವೂ ನೆಟ್ ಹೋಗದೆ ಪೂರ್ತಿ ವೇಗ ಸಿಕ್ಕರೂ, ಎಂಟು ಗಂಟೆಗೂ ಹೆಚ್ಚು ಬೇಕು. ಹಾಸ್ಟೆಲ್‌ನಲ್ಲಿ ಮೊಬೈಲ್ ಹಾಟ್‌ಸ್ಪಾಟ್ ನಂಬಿಕೊಂಡ ಹುಡುಗನಿಗೆ ದಿನಕ್ಕೆ 2 ಜಿಬಿ ಪ್ಯಾಕ್ ಆದರೆ ಎರಡೂವರೆ ತಿಂಗಳು. ಅಷ್ಟರಲ್ಲಿ ಸೀಸನ್ ಬದಲಾಗಿ ಇನ್ನೊಂದು ಅಪ್‌ಡೇಟ್ ಬಂದಿರುತ್ತದೆ. ನನ್ನ ಲ್ಯಾಪ್‌ಟಾಪಿನ 512 ಜಿಬಿ ಎಸ್‌ಎಸ್‌ಡಿಯನ್ನು ವಿಂಡೋಸ್ 476 ಅಂತ ತೋರಿಸುತ್ತದೆ. ಅದರಲ್ಲಿ ವಿಂಡೋಸ್, ಆಫೀಸಿನ ಕೆಲಸ, ಮಗಳ ಶಾಲೆಯ ವಿಡಿಯೋಗಳು ಹೋಗಿ ಉಳಿದದ್ದರಲ್ಲಿ ಒಂದು ಸರಣಿಗೆ ಎಷ್ಟು ಕೊಡಲಿ?

ಇದನ್ನು ಚೆನ್ನಾಗಿ ಮಾಡಲು ಆಗುವುದೇ ಇಲ್ಲವಾ ಅಂದರೆ, ಆಗುತ್ತದೆ. ಹೇಲೋ ಅನ್ನುವ ಇನ್ನೊಂದು ಶೂಟಿಂಗ್ ಸರಣಿಯವರು ಮಾಡಿದರು. ಅದರ ಹಳೆಯ ಗೇಮ್‌ಗಳ ಸಂಗ್ರಹವಾದ ಮಾಸ್ಟರ್ ಚೀಫ್ ಕಲೆಕ್ಷನ್ 2014ರ ನವೆಂಬರ್‌ನಲ್ಲಿ ಎಕ್ಸ್‌ಬಾಕ್ಸ್ ಒನ್‌ಗೆ ಬಂದಾಗ ಅದರ ಮ್ಯಾಚ್‌ಮೇಕಿಂಗ್ (ಆನ್‌ಲೈನ್ ಆಟಗಾರರನ್ನು ಜೋಡಿಸುವ ವ್ಯವಸ್ಥೆ) ಪಾಡು ನಾಯಿಪಾಡು. ಅದನ್ನು ನೋಡಿಕೊಳ್ಳುತ್ತಿದ್ದ ಸ್ಟುಡಿಯೋ 343 ಇಂಡಸ್ಟ್ರೀಸ್‌ನ ಮುಖ್ಯಸ್ಥೆ ಬಾನಿ ರಾಸ್ ಬಹಿರಂಗವಾಗಿ ಕ್ಷಮೆ ಕೇಳಿದರು, ತೊಂದರೆಪಟ್ಟವರಿಗೆ ಪರಿಹಾರವಾಗಿ ಓಡಿಎಸ್‌ಟಿ ಅನ್ನುವ ಹೇಲೋ ಗೇಮಿನ ಕಥೆಯ ಭಾಗವನ್ನು ಪುಕ್ಕಟೆ ಕೊಟ್ಟರು. ಆಮೇಲೆ ಕೈಬಿಡದೆ ವರ್ಷಗಟ್ಟಲೆ ರಿಪೇರಿ ಮಾಡಿದರು. 2019ರ ಡಿಸೆಂಬರ್‌ನಲ್ಲಿ ಹೇಲೋ ರೀಚ್‌ನಿಂದ ಶುರುಮಾಡಿ 2020ರ ನವೆಂಬರ್‌ನಲ್ಲಿ ಹೇಲೋ 4ರವರೆಗೆ ಒಂದೊಂದಾಗಿ ಆರು ಗೇಮ್ ಪಿಸಿಗೆ ತಂದರು.

ಅದನ್ನು ತೆರೆದು ನೋಡಿ. ಸ್ಟೀಮ್‌ನಿಂದ ಓಡಿಸುವಾಗಲೇ ಕೇಳುತ್ತದೆ: ಆ್ಯಂಟಿ-ಚೀಟ್ ಹಾಕಿಕೊಂಡು ಆನ್‌ಲೈನ್ ಆಡ್ತೀಯಾ, ಇಲ್ಲ ಅದನ್ನು ತೆಗೆದು ಮಾಡ್‌ಗಳ (ಆಟಗಾರರೇ ಮಾಡಿದ ಮಾರ್ಪಾಡುಗಳ) ಜೊತೆ ಆಡ್ತೀಯಾ? ಒಳಗೆ ಹೋದರೆ ಬೇಕಾದ ಗೇಮ್ ಮಾತ್ರ ಇನ್‌ಸ್ಟಾಲ್ ಮಾಡಿಕೊಳ್ಳಬಹುದು, ಅದರಲ್ಲೂ ಕ್ಯಾಂಪೇನ್ (ಕಥೆಯ ಭಾಗ) ಬೇರೆ, ಮಲ್ಟಿಪ್ಲೇಯರ್ ಬೇರೆ. ಬೇರೆ ಬೇರೆ ಗೇಮಿನ ಮಿಷನ್‌ಗಳನ್ನು ಒಂದೇ ಪ್ಲೇಲಿಸ್ಟ್‌ನಲ್ಲಿ ಸಾಲಾಗಿ ಆಡಬಹುದು. ಎಲ್ಲ ಗೇಮ್‌ಗಳನ್ನೂ ಒಂದೇ ಕಡೆ ಕಟ್ಟಿಹಾಕಿದ್ದರಿಂದ ಆಡುವವನಿಗೆ ಸಿಕ್ಕ ಲಾಭ ಅಂದರೆ ಅದು. ಸ್ಕಿನ್ ಕೊಳ್ಳುವ ಪಾಯಿಂಟ್‌ಗಳನ್ನು ದುಡ್ಡಿಗೆ ಮಾರುವ ಯೋಚನೆಯೂ 2022ರಲ್ಲಿ ಅವರಿಗೆ ಬಂದಿತ್ತು. ಜನ ಗಲಾಟೆ ಮಾಡಿದರು, ವರ್ಷ ಮುಗಿಯುವುದರೊಳಗೆ ಆ ಯೋಚನೆ ಕೈಬಿಟ್ಟರು. ಹೇಲೋ ಹಳೆಯ ಗೇಮ್‌ಗಳ ಸಂಗ್ರಹ, ಕಾಲ್ ಆಫ್ ಡ್ಯೂಟಿ ಇವತ್ತು ನಡೆಯುತ್ತಿರುವ ವ್ಯಾಪಾರ, ಎರಡನ್ನೂ ಹೋಲಿಸಬಾರದು ಅನ್ನುವವರಿದ್ದಾರೆ. ಒಪ್ಪಿದೆ. ಆದರೆ 2023ರ ಅಕ್ಟೋಬರ್‌ನಿಂದ ಎರಡೂ ಮೈಕ್ರೋಸಾಫ್ಟ್ ಮನೆಯವೇ. ಪಕ್ಕದ ಕೋಣೆಯಿಂದ ಕಲಿಯೋಕೆ ಏನು ಅಡ್ಡಿ?

ಬ್ಯಾಟಲ್‌ಫೀಲ್ಡ್ ಅನ್ನುವ ಇನ್ನೊಂದು ಯುದ್ಧದ ಗೇಮ್ ಸರಣಿಯವರ ಕಥೆ ಚಿಕ್ಕದಾಗಿ ಹೇಳಿಬಿಡುತ್ತೇನೆ. 2011ರಲ್ಲಿ ಬ್ಯಾಟಲ್‌ಫೀಲ್ಡ್ 3 ಪಿಸಿಯಲ್ಲಿ ಐಕಾನ್ ಒತ್ತಿದರೆ ಗೇಮ್ ಬರುತ್ತಿರಲಿಲ್ಲ, ಬ್ರೌಸರ್ ತೆರೆಯುತ್ತಿತ್ತು! ಬ್ಯಾಟಲ್‌ಲಾಗ್ ಅಂತ ಅದರ ಹೆಸರು. ಆಗ ಎಲ್ಲರೂ ಉಗಿದರು. ಈಗ ಅದೇ ಜನ, ಸರ್ವರ್ ಪಟ್ಟಿ ಎದುರಿಗೇ ಇರುತ್ತಿತ್ತು, ಪಿಂಗ್ (ಸರ್ವರ್ ಉತ್ತರಿಸಲು ಹಿಡಿಯುವ ಸಮಯ) ನೋಡಿ ಸೇರಬಹುದಿತ್ತು, ಅದೇ ಚೆನ್ನಾಗಿತ್ತು ಅಂತ ಕೊರಗುತ್ತಾರೆ. ನಾನೂ ಆ ಗುಂಪಿನವನೇ. ನೋಡೋಕೆ ಗತಿಗೆಟ್ಟಿದ್ದರೂ ಬೇಕಾದ ಕಡೆ ನೆಟ್ಟಗೆ ಕರೆದುಕೊಂಡು ಹೋಗುತ್ತಿತ್ತು.

ನಾನು ಕೇಳುವುದು ದೊಡ್ಡದೇನಲ್ಲ. ಡೆಸ್ಕ್‌ಟಾಪ್‌ನಿಂದ ನೇರ ನನ್ನ ಗೇಮಿಗೆ ಹೋಗುವ ಒಂದು ಶಾರ್ಟ್‌ಕಟ್. ಕೊಳ್ಳದ ಗೇಮಿನ ಚಿತ್ರವನ್ನು ಮರೆಮಾಡುವ ಒಂದು ಟಿಕ್. ಯಾವ ಭಾಗಕ್ಕೆ ಎಷ್ಟು ಜಿಬಿ ಅಂತ ಕೊಳ್ಳುವ ಮುಂಚೆಯೇ ಬಿಡಿಸಿ ಹೇಳುವ ಒಂದು ಪಟ್ಟಿ. 2024ರಲ್ಲಿ ಬ್ಲ್ಯಾಕ್ ಆಪ್ಸ್ 6 ಬರುವ ಮುಂಚೆ ಮೆನುವನ್ನು ಸ್ವಲ್ಪ ಸರಳ ಮಾಡಿದರು, ವಾರ್‌ಝೋನ್ ಬೇಡದವರು ಅದನ್ನು ಬಿಟ್ಟು ಇಳಿಸಿಕೊಳ್ಳುವ ಹಾಗೆ ಫೈಲ್‌ಗಳನ್ನೂ ಬೇರ್ಪಡಿಸಿದರು. ಅಂದರೆ ಮಾಡಬೇಕು ಅಂದರೆ ಮಾಡುತ್ತಾರೆ.

ಅಲ್ಲಿಯವರೆಗೆ ಡಿಸ್ಕ್ ತುಂಬಿ ಒದ್ದಾಡುತ್ತಿರುವವರಿಗೆ: ಸ್ಟೀಮ್ ಲೈಬ್ರರಿಯಲ್ಲಿ ಕಾಲ್ ಆಫ್ ಡ್ಯೂಟಿ ಮೇಲೆ ರೈಟ್ ಕ್ಲಿಕ್ ಮಾಡಿ ಪ್ರಾಪರ್ಟೀಸ್ ತೆರೆದು ಡಿಎಲ್‌ಸಿ ಪಟ್ಟಿಗೆ ಹೋಗಿ. ಮುಗಿಸಿದ ಕ್ಯಾಂಪೇನ್‌ಗಳ ಟಿಕ್ ತೆಗೆದರೆ ಒಳ್ಳೆಯ ಜಾಗ ಬಿಡುಗಡೆ ಆಗುತ್ತದೆ, ಮಲ್ಟಿಪ್ಲೇಯರ್‌ಗೆ ಏನೂ ಆಗುವುದಿಲ್ಲ. ಡೇಟಾ ಮಿತಿ ಇರುವವರು ಗ್ರಾಫಿಕ್ಸ್ ಸೆಟ್ಟಿಂಗ್‌ನಲ್ಲಿ ಆನ್-ಡಿಮ್ಯಾಂಡ್ ಟೆಕ್ಸ್ಚರ್ ಸ್ಟ್ರೀಮಿಂಗ್ ಅನ್ನು ಮಿನಿಮಲ್‌ಗೆ ಇಳಿಸಿ, ಇಲ್ಲದಿದ್ದರೆ ಆಡುತ್ತಿರುವಾಗಲೇ ಅದು ಹಿಂದಿನಿಂದ ಡೇಟಾ ನುಂಗುತ್ತಿರುತ್ತದೆ. ಕನ್ಸೋಲ್‌ನಲ್ಲಿ ಇದೇ ಕೆಲಸ ಇನ್ನೂ ಸುಲಭವಾಗಿ ಮಾಡುವ ದಾರಿ ಯಾರಿಗಾದರೂ ಗೊತ್ತಿದ್ದರೆ ಕಾಮೆಂಟ್‌ನಲ್ಲಿ ಹಾಕಿ, ಅಕ್ಕನ ಮಗನ ಪಿಎಸ್5 ತುಂಬಿ ಕೂತಿದೆ.